ಮೂರು ನೀರಿನ ಲೆಕ್ಕ



ಯಾದಗಿರಿ, ಶಹಾಪುರ, ಸುರಪುರದ ಕಡೆ ಊಟವೆಂದರೆ ಜೋಳದ ರೊಟ್ಟಿ. ರೊಟ್ಟಿಯ ಜೊತೆ ಬೇಳೆ, ಪಲ್ಯ, ಶೇಂಗಾ ಹಿಂಡಿ ಇರುತ್ತವೆ. ಪಕ್ಕದಲ್ಲಿ ಹಸಿಯಾಗಿಯೇ ತಿನ್ನುವ ಕಾಯಿಪಲ್ಯವೂ ಇರಬೇಕು. ಉಳ್ಳಾಗಡ್ಡಿ, ಸವತಿಕಾಯಿ, ಗಜ್ಜರಿ, ಮೂಲಂಗಿ, ಎಳೆಯ ಮೆಂತೆ, ಹಕ್ಕರಕಿ ಇವೆಲ್ಲ ನಮಗೆ ಬಲು ರುಚಿ. ಆರೋಗ್ಯಕ್ಕೂ ಒಳ್ಳೆಯವು.

ಬೇಯಿಸಿದ ಪಲ್ಯದಲ್ಲಿ ರೋಗಾಣುಗಳನ್ನು ಬೆಂಕಿಯೇ ಕೊಲ್ಲುತ್ತದೆ. ಹಸಿಯಾಗಿ ತಿನ್ನುವ ಕಾಯಿಪಲ್ಯಕ್ಕೆ ಬೆಂಕಿಯ ಕಾವಲು ಇಲ್ಲ. ಅದನ್ನು ನಾವು ಹೇಗೆ ತೊಳೆಯುತ್ತೇವೆ ಎಂಬುದೇ ಮುಖ್ಯ.

ನಾನು ವಿಜ್ಞಾನ ಕಲಿಸುವ ಮಾಸ್ತರ. 2020ರಲ್ಲಿ ಕೊರೊನಾ ಬಂದಾಗ ಹಲವರು ಕಾಯಿಪಲ್ಯ ತೊಳೆಯಲು ಸಾಬೂನು, ಬಟ್ಟೆ ತೊಳೆಯುವ ಪುಡಿ ಹಾಕತೊಡಗಿದರು. ಅಂಗಡಿಗಳಲ್ಲಿ ಹಣ್ಣು ತೊಳೆಯುವ ದ್ರಾವಣದ ಬಾಟಲಿಗಳೂ ಕಾಣಿಸಿಕೊಂಡವು. ಮನೆಯಲ್ಲೇ ಅಂಥ ದ್ರಾವಣ ಮಾಡುವ ವಿಧಾನಗಳು ಮೊಬೈಲಿನಿಂದ ಮೊಬೈಲಿಗೆ ಹರಿದಾಡಿದವು. ಏಳನೇ ತರಗತಿಯ ಹುಡುಗಿಯೊಬ್ಬಳು ಒಂದು ದಿನ ಕೇಳಿದಳು: "ಸರ್, ಸೋಡಾ, ನಿಂಬಿಹಣ್ಣು ಕೂಡಿಸಿದ ನೀರಾಗ ತೊಳದ್ರ ಹೊಲದಾಗ ಹೊಡದ ಎಣ್ಣಿ ಎಲ್ಲಾ ಹೋಗ್ತದಂತ್ರೀ. ಖರೇ ಏನ್ರೀ?"

ಅವಳು 'ಎಣ್ಣಿ' ಎಂದದ್ದು ಅಡುಗೆಯ ಎಣ್ಣೆಯಲ್ಲ, ಕೀಟನಾಶಕ. ನಾರಾಯಣಪುರದ ಬಸವಸಾಗರ ಜಲಾಶಯದ ಎಡದಂಡೆ ಕಾಲುವೆಯಿಂದ ಕೃಷ್ಣೆಯ ನೀರು ಸುರಪುರ, ಶಹಾಪುರದ ಹೊಲಗಳಿಗೆ ಬರುತ್ತದೆ. ಅಲ್ಲಿ ಭತ್ತ, ಹತ್ತಿ, ಮೆಣಸಿನಕಾಯಿ ಬೆಳೆಯುತ್ತಾರೆ. ಬೆನ್ನಿಗೆ ಪಂಪು ಕಟ್ಟಿಕೊಂಡು ಎಣ್ಣಿ ಹೊಡೆಯುವವರನ್ನು ನೀವೆಲ್ಲ ನೋಡಿದ್ದೀರಿ. ಆದ್ದರಿಂದ ಅವಳ ಪ್ರಶ್ನೆ ಬರೀ ಪುಸ್ತಕದ ಪ್ರಶ್ನೆಯಲ್ಲ. ಅದು ನಮ್ಮ ತಾಟಿನ ಪ್ರಶ್ನೆ.

ಉತ್ತರ ಹುಡುಕುವ ಮೊದಲು ಕಾಯಿಪಲ್ಯದ ಮೇಲೆ ಏನೇನು ಇರುತ್ತದೆ ಎಂದು ತಿಳಿಯೋಣ. ಒಂದನೆಯದು ಮಣ್ಣು, ಧೂಳು. ಎರಡನೆಯದು ಕಣ್ಣಿಗೆ ಕಾಣದ ರೋಗಾಣುಗಳು ಮತ್ತು ಜಂತುಹುಳುಗಳ ಮೊಟ್ಟೆಗಳು. ಇವು ಕೊಳಚೆ ನೀರಿನಿಂದ, ಮಣ್ಣಿನಿಂದ, ತೊಳೆಯದ ಕೈಗಳಿಂದ ಬರುತ್ತವೆ. ಮೂರನೆಯದು ಕೀಟನಾಶಕದ ಶೇಷ, ಅಂದರೆ ಹೊಡೆದ ಎಣ್ಣಿಯಲ್ಲಿ ಉಳಿದುಕೊಂಡ ಭಾಗ.

ನಮ್ಮ ಅವ್ವ ಶಾಲೆಗೆ ಹೋದವಳಲ್ಲ. ಆದರೆ ಸೊಪ್ಪನ್ನು ಮೂರು ನೀರಿನಲ್ಲಿ ತೊಳೆಯದೆ ಒಲೆಯ ಹತ್ತಿರ ತರುತ್ತಿರಲಿಲ್ಲ. ಬೇಸಿಗೆಯಲ್ಲಿ ದೂರದಿಂದ ಕೊಡ ಹೊತ್ತು ತಂದ ನೀರಾದರೂ ಸರಿ, ಅದನ್ನೇ ಮೂರು ಪಾಲು ಮಾಡುತ್ತಿದ್ದಳು. ಬೋಗುಣಿಯಲ್ಲಿ ಸೊಪ್ಪನ್ನು ಅಲ್ಲಾಡಿಸಿ, ಕೈಯಿಂದ ಮೇಲೆತ್ತಿ ಬುಟ್ಟಿಗೆ ಹಾಕುತ್ತಿದ್ದಳು. ಬೋಗುಣಿಯನ್ನು ಬಗ್ಗಿಸಿ ಸೊಪ್ಪಿನ ಮೇಲೆ ನೀರು ಸುರಿಯುತ್ತಿರಲಿಲ್ಲ. ಯಾಕೆ? ಮಣ್ಣು ನೀರಿಗಿಂತ ಭಾರ. ಅದು ತಳಕ್ಕೆ ಇಳಿಯುತ್ತದೆ. ಸೊಪ್ಪನ್ನು ಮೇಲೆತ್ತಿದರೆ ಮಣ್ಣು ಕೆಳಗೇ ಉಳಿಯುತ್ತದೆ. ಬೋಗುಣಿ ಬಗ್ಗಿಸಿದರೆ ಅದೇ ಮಣ್ಣು ಮತ್ತೆ ಸೊಪ್ಪಿನ ಮೇಲೆ ಬೀಳುತ್ತದೆ.

ಇನ್ನು ಮೂರು ನೀರಿನ ಲೆಕ್ಕ ನೋಡಿ. ಪಾಟಿ ಬಳಪ ತೆಗೆದುಕೊಳ್ಳಿ. ಒಂದು ಸಿವುಡು ಮೆಂತೆಯನ್ನು ನೀರಿನಿಂದ ಎತ್ತಿದಾಗ ಅದಕ್ಕೆ 100 ಮಿಲಿಲೀಟರ್ ನೀರು ಅಂಟಿಕೊಂಡು ಬರುತ್ತದೆ ಎಂದುಕೊಳ್ಳೋಣ. 1 ಲೀಟರ್ ಅಂದರೆ 1000 ಮಿಲಿಲೀಟರ್. ಆ ನೀರಿನಲ್ಲಿ ಬಿಟ್ಟುಕೊಂಡ ಕೊಳೆಯ ಹತ್ತರಲ್ಲಿ ಒಂದು ಪಾಲು ಮಾತ್ರ ಸೊಪ್ಪಿನ ಜೊತೆ ವಾಪಸು ಬರುತ್ತದೆ. ಎರಡನೆಯ ಲೀಟರಿನಲ್ಲಿ ತೊಳೆದರೆ ಹತ್ತರಲ್ಲಿ ಒಂದರ ಹತ್ತರಲ್ಲಿ ಒಂದು, ಅಂದರೆ ನೂರರಲ್ಲಿ ಒಂದು. ಮೂರನೆಯ ಲೀಟರಿನಲ್ಲಿ ಸಾವಿರದಲ್ಲಿ ಒಂದು.

ಅದೇ ಮೂರು ಲೀಟರ್ ನೀರನ್ನು ಒಂದೇ ಸಲ ಹಾಕಿ ತೊಳೆದರೆ? 3000ರಲ್ಲಿ 100, ಅಂದರೆ ಮೂವತ್ತರಲ್ಲಿ ಒಂದು ಪಾಲು ಕೊಳೆ ಉಳಿಯುತ್ತದೆ. ನೀರು ಅಷ್ಟೇ. ಆದರೆ ಮೂರು ಸಲ ತೊಳೆದ ಸೊಪ್ಪು ಮೂವತ್ತು ಪಟ್ಟಿಗಿಂತ ಹೆಚ್ಚು ಸ್ವಚ್ಛ! ನೀರಿನ ಬರ ಇರುವ ನಮ್ಮಂಥ ಊರುಗಳಿಗೆ ಇದಕ್ಕಿಂತ ಉಪಯೋಗದ ಗಣಿತ ಯಾವುದಿದೆ? ಒಂದು ಮಾತು ನೆನಪಿರಲಿ. ಈ ಲೆಕ್ಕ ನೀರಿಗೆ ಬಿಟ್ಟುಕೊಂಡ ಕೊಳೆಗೆ ಮಾತ್ರ. ಕೊಳೆ ಬಿಡಬೇಕಾದರೆ ಕೈ ಆಡಬೇಕು. ಸವತಿಕಾಯಿ, ಬದನೆಕಾಯಿ, ಟೊಮ್ಯಾಟೊಗಳನ್ನು ನೀರಿನೊಳಗೆ ಬೆರಳಿನಿಂದ ಚೆನ್ನಾಗಿ ತಿಕ್ಕಬೇಕು.

ತಿಕ್ಕುವುದರ ಮಹತ್ವವನ್ನು ವಿಜ್ಞಾನಿಗಳೂ ಕಂಡಿದ್ದಾರೆ. ಅಮೆರಿಕದ ಕನೆಕ್ಟಿಕಟ್ ರಾಜ್ಯದ ಕೃಷಿ ಪ್ರಯೋಗ ಕೇಂದ್ರದ ವಿಜ್ಞಾನಿಗಳು 2000ದಲ್ಲಿ ಒಂದು ಅಧ್ಯಯನ ಪ್ರಕಟಿಸಿದರು. ಬರೀ ನಲ್ಲಿ ನೀರಿನಲ್ಲಿ ತೊಳೆದಾಗ, ಪರೀಕ್ಷಿಸಿದ 12 ಕೀಟನಾಶಕಗಳ ಪೈಕಿ 9ರ ಶೇಷ ಕಡಿಮೆಯಾಗಿತ್ತು. ಕೀಟನಾಶಕ ನೀರಿನಲ್ಲಿ ಎಷ್ಟು ಕರಗುತ್ತದೆ ಎಂಬುದು ಅಷ್ಟು ಮುಖ್ಯವಾಗಿರಲಿಲ್ಲ. ಹರಿಯುವ ನೀರಿನ ಹೊಡೆತ ಮೇಲಿನ ಶೇಷವನ್ನು ಕಿತ್ತು ತೆಗೆದಿತ್ತು.

ಹಾಗಾದರೆ ಸೋಡಾ ಬೇಡವೇ? ಅದಕ್ಕೂ ಉತ್ತರವಿದೆ. ಅಮೆರಿಕದ ಮ್ಯಾಸಚೂಸೆಟ್ಸ್ ವಿಶ್ವವಿದ್ಯಾಲಯದ ವಿಜ್ಞಾನಿಗಳು 2017ರಲ್ಲಿ ಸೇಬಿನ ಮೇಲೆ ಎರಡು ಔಷಧಗಳನ್ನು ಹಚ್ಚಿ ಪ್ರಯೋಗ ಮಾಡಿದರು. ಒಂದರ ಹೆಸರು ಥಯಾಬೆಂಡಜೋಲ್, ಇನ್ನೊಂದು ಫಾಸ್ಮೆಟ್. 1 ಲೀಟರ್ ನೀರಿಗೆ 10 ಗ್ರಾಂ ಅಡುಗೆ ಸೋಡಾದ ಪ್ರಮಾಣದಲ್ಲಿ ಕರಗಿಸಿ ಸೇಬುಗಳನ್ನು ಮುಳುಗಿಸಿದರು. 12 ನಿಮಿಷಗಳಲ್ಲಿ ಮೊದಲನೆಯದು ಶೇಕಡಾ 80ರಷ್ಟು, 15 ನಿಮಿಷಗಳಲ್ಲಿ ಎರಡನೆಯದು ಶೇಕಡಾ 96ರಷ್ಟು ಹೋಯಿತು. ಬರೀ ನೀರಿಗಿಂತ ಸೋಡಾ ನೀರು ಚೆನ್ನಾಗಿ ಕೆಲಸ ಮಾಡಿತು. ಸೋಡಾ ಒಂದು ಪ್ರತ್ಯಾಮ್ಲ. ಅದು ಈ ಎರಡು ಔಷಧಗಳನ್ನು ಒಡೆಯಲು ನೆರವಾಗುತ್ತದೆ. ಎಲ್ಲ ಕೀಟನಾಶಕಗಳಿಗೂ ಇದೇ ಫಲ ಸಿಗುತ್ತದೆ ಎಂದು ಹೇಳಲಾಗದು.

ಸೋಡಾಕ್ಕೆ ನಿಂಬೆರಸ ಕೂಡಿಸಿದರೆ ಏನಾಗುತ್ತದೆ? ನಮ್ಮ ತರಗತಿಯಲ್ಲಿ ಮಾಡಿ ನೋಡಿದೆವು. ನೀವೂ ಮಾಡಿ ನೋಡಿ. ಅರಿಶಿನ ಪುಡಿಯನ್ನು ನೀರಿನಲ್ಲಿ ಕಲಸಿ ಬಿಳಿ ಹಾಳೆಗೆ ಹಚ್ಚಿ ಒಣಗಿಸಿ. ಅದರ ಮೇಲೆ ಸೋಡಾ ನೀರಿನ ಒಂದು ಹನಿ ಬಿಡಿ. ಹಳದಿ ಬಣ್ಣ ಕೆಂಪು ಕಡೆಗೆ ತಿರುಗುತ್ತದೆ. ಅದು ಪ್ರತ್ಯಾಮ್ಲದ ಗುರುತು. ಈಗ ಲೋಟದಲ್ಲಿರುವ ಸೋಡಾ ನೀರಿಗೆ ನಿಂಬೆರಸ ಹಿಂಡಿ. ಬುಸ್ ಎಂದು ನೊರೆ ಬರುತ್ತದೆ. ನೊರೆ ನಿಲ್ಲುವವರೆಗೆ ಹಿಂಡಿ, ಆ ನೀರಿನ ಹನಿಯನ್ನು ಅರಿಶಿನ ಹಾಳೆಯ ಇನ್ನೊಂದು ಜಾಗದಲ್ಲಿ ಬಿಡಿ. ಬಣ್ಣ ಬದಲಾಗುವುದಿಲ್ಲ!

ಅಂದರೆ ಸೋಡಾದ ಪ್ರತ್ಯಾಮ್ಲ ಗುಣ ಹೋಯಿತು. ಆಮ್ಲ, ಪ್ರತ್ಯಾಮ್ಲ ಒಂದನ್ನೊಂದು ಅಳಿಸಿದವು. ನೊರೆಯಾಗಿ ಮೇಲೆ ಬಂದದ್ದು ಕಾರ್ಬನ್ ಡೈ ಆಕ್ಸೈಡ್. ನಾವು ಉಸಿರು ಬಿಡುವಾಗ ಹೊರಹಾಕುವ ಅನಿಲವೇ ಅದು. ನೋಡುವವರಿಗೆ ನೊರೆಯೇ ಕೊಳೆ ಕಿತ್ತಂತೆ ಕಾಣುತ್ತದೆ. ಕೆಲಸ ಮಾಡಬೇಕಾದ ಸೋಡಾ ಮಾತ್ರ ಖರ್ಚಾಗಿರುತ್ತದೆ. ಪ್ರಶ್ನೆ ಕೇಳಿದ ಹುಡುಗಿ ಹಾಳೆಯನ್ನು ಎತ್ತಿ ಹಿಡಿದು, "ಎರಡೂ ಕೂಡಿ ಎರಡೂ ಕೆಟ್ವು ಸರ್" ಎಂದಳು. ನಾನು ಅರ್ಧ ತಾಸು ಹೇಳಬೇಕಾದ ಪಾಠವನ್ನು ಅವಳು ಒಂದೇ ಮಾತಿನಲ್ಲಿ ಮುಗಿಸಿದ್ದಳು.

ಆದ್ದರಿಂದ ಸೋಡಾ ಬಳಸುವುದಾದರೆ ಸೋಡಾ ಒಂದೇ ಸಾಕು. 1 ಲೀಟರ್ ನೀರಿಗೆ ಎರಡು ಸಣ್ಣ ಚಮಚ ಹಾಕಿ, ಕಾಯಿಗಳನ್ನು ಕಾಲು ತಾಸು ನೆನೆಸಿ, ಆಮೇಲೆ ಬರೀ ನೀರಿನಲ್ಲಿ ಎರಡು ಸಲ ತಿಕ್ಕಿ ತೊಳೆಯಿರಿ. ಕೇರಳ ಕೃಷಿ ವಿಶ್ವವಿದ್ಯಾಲಯದವರು ಹುಣಸೆಹುಳಿಯ ನೀರನ್ನೂ ಸೂಚಿಸಿದ್ದಾರೆ. ಮನೆಯಲ್ಲಿ ಇವು ಯಾವುವೂ ಇಲ್ಲದಿದ್ದರೆ ಚಿಂತೆ ಬೇಡ. ಮೂರು ನೀರು ಮತ್ತು ಕೈ ಇದ್ದೇ ಇವೆ. ಸಾಬೂನು ಮಾತ್ರ ಬೇಡ. ಅದು ಸಿಪ್ಪೆಯ ಸಣ್ಣ ಸಣ್ಣ ರಂಧ್ರಗಳಲ್ಲಿ, ಎಲೆಯ ಮಡಿಕೆಗಳಲ್ಲಿ ಉಳಿದು ಹೊಟ್ಟೆ ಸೇರಬಹುದು. ಹಣ್ಣು ತರಕಾರಿಗೆ ಸಾಬೂನು ಬಳಸಬಾರದೆಂದು ಭಾರತದ ಆಹಾರ ಸುರಕ್ಷತಾ ಪ್ರಾಧಿಕಾರವೂ 2020ರಲ್ಲಿ ತಿಳಿಸಿತ್ತು.

ಇನ್ನೂ ಎರಡು ಮಾತು. ಹೆಚ್ಚುವ ಮೊದಲೇ ತೊಳೆಯಿರಿ. ಹೆಚ್ಚಿದ ಮೇಲೆ ತೊಳೆದರೆ ಸಿಪ್ಪೆಯ ಕೊಳೆ ಒಳಗೆ ಸೇರುತ್ತದೆ, ಜೀವಸತ್ವಗಳೂ ನೀರಿಗೆ ಹೋಗುತ್ತವೆ. ಹಸಿಯಾಗಿ ತಿನ್ನುವುದಾದರೆ ಕೊನೆಯ ನೀರು ಕುಡಿಯಲು ಯೋಗ್ಯವಾದ ನೀರೇ ಆಗಿರಲಿ. ನೀರಿನ ಮೇಲೆ ಅನುಮಾನವಿದ್ದರೆ ಕುದಿಸಿ ಆರಿಸಿ ಬಳಸಿ. ಹೊಲಸು ನೀರಿನಲ್ಲಿ ಮೂರಲ್ಲ, ಮೂವತ್ತು ಸಲ ತೊಳೆದರೂ ರೋಗಾಣುಗಳು ಹೋಗುವುದಿಲ್ಲ, ಹೊಸದಾಗಿ ಬಂದು ಸೇರುತ್ತವೆ.

ಈಗ ಎಲ್ಲಕ್ಕಿಂತ ದೊಡ್ಡ ಮಾತು. ತೊಳೆಯುವುದರಿಂದ ಎಲ್ಲ ಎಣ್ಣಿಯೂ ಹೋಗುತ್ತದೆಯೇ? ಇಲ್ಲ. ಸೇಬಿನ ಪ್ರಯೋಗದಲ್ಲಿಯೇ ಥಯಾಬೆಂಡಜೋಲ್‌ನ ಶೇಕಡಾ 20ರಷ್ಟು ಸಿಪ್ಪೆ ದಾಟಿ ಒಳಗೆ ಇಳಿದಿತ್ತು. ಅದನ್ನು ಯಾವ ಸೋಡಾವೂ ತೆಗೆಯಲಾರದು. ಕೆಲವು ಕೀಟನಾಶಕಗಳನ್ನು ಗಿಡವೇ ಹೀರಿಕೊಂಡು ಎಲೆ, ಕಾಯಿಗಳಿಗೆಲ್ಲ ಹಂಚುತ್ತದೆ. ಮೊನೊಕ್ರೊಟೊಫಾಸ್ ಅಂಥದ್ದು. ಇದನ್ನು ತರಕಾರಿ ಬೆಳೆಗಳಿಗೆ ಹೊಡೆಯುವುದನ್ನು ಭಾರತ ಸರ್ಕಾರ 2005ರಲ್ಲಿ ನಿಷೇಧಿಸಿತು.

ಅದೇ ವಿಷದ ಇನ್ನೊಂದು ಕತೆಯನ್ನು ನೀವು ತಿಳಿದಿರಬೇಕು. ನಮ್ಮ ರಾಜ್ಯದಲ್ಲಿ ಶಾಲೆಯ ಬಿಸಿಯೂಟ, ಅಂದರೆ ಅಕ್ಷರ ದಾಸೋಹ, 2002ರಲ್ಲಿ ಮೊದಲು ಶುರುವಾದ ಏಳು ಜಿಲ್ಲೆಗಳಲ್ಲಿ ಗುಲಬರ್ಗಾ ಒಂದು. ಈ ಮೂರೂ ಊರುಗಳು ಆಗ ಅದೇ ಜಿಲ್ಲೆಯಲ್ಲಿದ್ದವು. ಬಿಹಾರದಲ್ಲಿಯೂ ಮಕ್ಕಳಿಗೆ ಇಂಥದೇ ಬಿಸಿಯೂಟ ಸಿಗುತ್ತದೆ. 2013ರ ಜುಲೈ 16ರಂದು ಅಲ್ಲಿನ ಸಾರಣ ಜಿಲ್ಲೆಯ ಗಂಡಾಮನ್ ಎಂಬ ಹಳ್ಳಿಯ ಶಾಲೆಯಲ್ಲಿ ಊಟ ಮಾಡಿದ 23 ಮಕ್ಕಳು ತೀರಿಕೊಂಡರು. ಅಡುಗೆ ಎಣ್ಣೆಯಲ್ಲಿ ಮೊನೊಕ್ರೊಟೊಫಾಸ್ ಸೇರಿತ್ತೆಂದು ಪರೀಕ್ಷೆಯಿಂದ ಗೊತ್ತಾಯಿತು. ಅವರೂ ನಿಮ್ಮಂತೆ ತಾಟು ಹಿಡಿದು ಸಾಲಿನಲ್ಲಿ ಕೂತ ಮಕ್ಕಳು.

ಅದಕ್ಕೇ ಹೇಳುತ್ತೇನೆ. ಎಣ್ಣಿಯ ಖಾಲಿ ಡಬ್ಬಿ ಎಷ್ಟೇ ಗಟ್ಟಿಮುಟ್ಟಾಗಿರಲಿ, ಅದರಲ್ಲಿ ಕುಡಿಯುವ ನೀರು, ಅಡುಗೆ ಎಣ್ಣೆ, ಕಾಳುಕಡಿ ತುಂಬುವಂತಿಲ್ಲ. ಕಾಯಿಪಲ್ಯ ತೊಳೆಯುವ ನೀರನ್ನೂ ಅದರಲ್ಲಿ ತರುವಂತಿಲ್ಲ. ಅಂಥ ಡಬ್ಬಿಯನ್ನು ಮೂರು ನೀರಿನಲ್ಲಿ ತೊಳೆದರೂ ಅದು ಕೊಡವಾಗುವುದಿಲ್ಲ.

ಎಣ್ಣಿಯ ಡಬ್ಬಿಯ ಮೇಲೆ ಒಂದು ಬಣ್ಣದ ಗುರುತು ಇರುತ್ತದೆ. ಕೆಂಪು ಎಂದರೆ ಅತ್ಯಂತ ವಿಷಕಾರಿ. ಹಳದಿ ಎಂದರೆ ಹೆಚ್ಚು ವಿಷಕಾರಿ. ನೀಲಿ ಎಂದರೆ ಮಧ್ಯಮ. ಹಸಿರು ಎಂದರೆ ಕಡಿಮೆ, ಆದರೆ ಅದೂ ವಿಷವೇ. ಡಬ್ಬಿಯ ಜೊತೆ ಬರುವ ಹಾಳೆಯಲ್ಲಿ ಯಾವ ಬೆಳೆಗೆ ಎಷ್ಟು ಹೊಡೆಯಬೇಕು, ಹೊಡೆದ ಮೇಲೆ ಎಷ್ಟು ದಿನ ಬಿಟ್ಟು ಕೊಯ್ಯಬೇಕು ಎಂದು ಬರೆದಿರುತ್ತದೆ. ಆ ದಿನಗಳಲ್ಲಿ ಬಿಸಿಲು, ಗಾಳಿ ಮತ್ತು ಗಿಡದ ಒಳಗಿನ ಕ್ರಿಯೆಗಳು ವಿಷವನ್ನು ನಿಧಾನವಾಗಿ ಒಡೆಯುತ್ತವೆ. ನಮ್ಮ ಬೋಗುಣಿಯಿಂದ ಆಗದ ಕೆಲಸ ಹೊಲದಲ್ಲಿ ಕಾಯುವುದರಿಂದ ಆಗುತ್ತದೆ.

ಡಬ್ಬಿಯನ್ನು ನೀವು ಮುಟ್ಟಬೇಡಿ. ಆದರೆ ಆ ಹಾಳೆ ಕಂಡರೆ ಅಪ್ಪನಿಗೋ ಕಾಕಾನಿಗೋ ಹಿಡಿಯಲು ಹೇಳಿ, ಜೋರಾಗಿ ಓದಿ. ಅಕ್ಷರ ಬಹಳ ಸಣ್ಣದಿರುತ್ತದೆ, ದೊಡ್ಡವರ ಕಣ್ಣಿಗೆ ಕಾಣದೆ ಹೋಗಬಹುದು. ಕೆಲವು ಮನೆಗಳಲ್ಲಿ ಓದಲು ಬರುವವರು ನೀವೊಬ್ಬರೇ ಇರಬಹುದು. ನಿಮ್ಮ ಮನೆಯವರು, ನಿಮ್ಮ ಹೊಲದ ಕಾಯಿಪಲ್ಯವನ್ನು ಸಂತೆಯಲ್ಲಿ ಕೊಂಡು ತಿನ್ನುವವರು, ಎಲ್ಲರ ತಾಟನ್ನೂ ಆ ಒಂದು ಓದು ಕಾಯಬಲ್ಲದು.