ಯಾವ ಬದಿಯ ಮೂಗು?

ಮೂಗಿನ ಕಾಯಿಲೆಗೆ ಒಂದು ದುರದೃಷ್ಟವಿದೆ: ಅದನ್ನು ಕಾಯಿಲೆಯೆಂದು ಯಾರೂ ಒಪ್ಪುವುದಿಲ್ಲ. ಜ್ವರ ಬಂದವನ ಹಣೆ ಮುಟ್ಟಿ ನೋಡುವವರಿದ್ದಾರೆ. ಕಾಲು ಮುರಿದವನಿಗೆ ಬಾಳೆಹಣ್ಣು ಹಿಡಿದುಕೊಂಡು ಹೋಗುವವರಿದ್ದಾರೆ. ಮೂಗು ಸೋರುವವನಿಗೆ ಸಿಗುವುದು ಬರೀ ಸಲಹೆ.

ನಾನು ಕುಂದಾಪುರದಲ್ಲಿ ಮಾಸ್ತರಿಕೆ ಮಾಡಿ ನಿವೃತ್ತನಾದವನು. ತಾಯಿ ಅಣ್ಣನ ಸಂಗಡ ಬೈಂದೂರಿನಲ್ಲಿದ್ದಾರೆ. ಮಗಳನ್ನು ಕೊಟ್ಟದ್ದು ಬ್ರಹ್ಮಾವರಕ್ಕೆ. ಹೀಗಾಗಿ ಹೆದ್ದಾರಿಯ ಬಸ್ಸಿನಲ್ಲಿ ಒಂದು ವಾರ ಉತ್ತರಕ್ಕೆ, ಇನ್ನೊಂದು ವಾರ ದಕ್ಷಿಣಕ್ಕೆ ಹೋಗಿಬರುವುದೇ ನಿವೃತ್ತಿಯ ಮೇಲಿನ ನನ್ನ ಉದ್ಯೋಗ. 2019ರ ಮಳೆಗಾಲದಲ್ಲಿ ಹಿಡಿದ ನೆಗಡಿ ನಾಲ್ಕು ವರ್ಷ ನನ್ನೊಂದಿಗೇ ಈ ಬಸ್ಸುಗಳಲ್ಲಿ ಓಡಾಡಿತು. ಬೈಂದೂರಿನ ಅತ್ತಿಗೆ ಕರಿಮೆಣಸು, ಶುಂಠಿಯ ಕಷಾಯ ಕುದಿಸಿಕೊಟ್ಟರು. ಬ್ರಹ್ಮಾವರದ ಬೀಗರು ಕಂಬಳಿ ಹೊದೆಸಿ ಹಬೆ ಹಿಡಿಸಿದರು. ಪಕ್ಕದ ಸೀಟಿನಲ್ಲಿ ಕುಳಿತ ಅಪರಿಚಿತರೊಬ್ಬರು ನಶ್ಯದ ಡಬ್ಬಿಯನ್ನೇ ತೆಗೆದು ಮುಂದೆ ಹಿಡಿದರು. ಕಾರಣದ ವಿಷಯದಲ್ಲೂ ಒಮ್ಮತವಿರಲಿಲ್ಲ. ಸಮುದ್ರದ ಗಾಳಿ ಎಂದವರು ಕೆಲವರು, ಹೆದ್ದಾರಿ ಅಗಲ ಮಾಡುವ ಧೂಳು ಎಂದವರು ಹಲವರು. ನನ್ನ ಹಟಮಾರಿತನವೇ ಕಾರಣವೆಂದವಳು ಹೆಂಡತಿಯೊಬ್ಬಳೇ.

ವೈದ್ಯರನ್ನು ಕಾಣಲಿಲ್ಲವೆಂದಲ್ಲ. ಕಂಡೆ, ಒಬ್ಬರಲ್ಲ ಮೂವರನ್ನು. ಕ್ಷಕಿರಣದ ಚಿತ್ರ ತೆಗೆದದ್ದಾಯಿತು, ಅಲರ್ಜಿಯೆಂದು ಮೂಗಿಗೆ ಸಿಂಪಡಿಸುವ ಔಷಧವಾಯಿತು, ಆ್ಯಂಟಿಬಯೋಟಿಕ್ ಮಾತ್ರೆ ಮೂರು ಸುತ್ತು ನುಂಗಿದ್ದಾಯಿತು. ಮಾತ್ರೆ ನುಂಗುವಷ್ಟು ದಿನ ಮೂಗು ಸಂಭಾವಿತನಂತಿರುತ್ತಿತ್ತು. ಬಿಟ್ಟ ಹತ್ತು ದಿನಕ್ಕೆ ಹಳೆಯ ಚಾಳಿ. ಕೊನೆಗೆ ಸ್ಕ್ಯಾನು ಮಾಡಿಸಿದರು. ಬಲಗಡೆಯ ಮ್ಯಾಕ್ಸಿಲರಿ ಸೈನಸ್ಸಿನ ಒಳಪೊರೆ ದಪ್ಪವಾಗಿದೆ, ಮೂಗಿನ ನಡುಗೋಡೆ ತುಸು ಸೊಟ್ಟಗಿದೆ ಎಂದು ವರದಿ ಬಂತು. ಗೋಡೆ ನೇರ ಮಾಡಿಸಿದರೆ ಸರಿಹೋದೀತು ಎಂದರು. ಅರುವತ್ತು ವರ್ಷ ಸೊಟ್ಟಗಿದ್ದೂ ತೊಂದರೆ ಕೊಡದ ಗೋಡೆ ಈಗ ಯಾಕೆ ಮುನಿದೀತು ಎಂದು ನನಗೆ ಅನುಮಾನ. ಆ ಲಕೋಟೆಯನ್ನು ಕಪಾಟಿನಲ್ಲಿಟ್ಟು ಸುಮ್ಮನಾದೆ.

ಇಲ್ಲಿ ನನ್ನದೊಂದು ತಪ್ಪನ್ನು ಒಪ್ಪಿಕೊಳ್ಳಬೇಕು. ವೈದ್ಯರಿಗೆ ನಾನು ಎಲ್ಲವನ್ನೂ ಹೇಳಿರಲಿಲ್ಲ. ಮೂಗು ಕಟ್ಟುತ್ತದೆ ಎಂದೆ, ಕೆನ್ನೆ ಭಾರ ಎಂದೆ, ಗಂಟಲಿಗೆ ಕಫ ಇಳಿಯುತ್ತದೆ ಎಂದೆ. ವಾಸನೆಯ ಮಾತನ್ನು ಮಾತ್ರ ಎತ್ತಲಿಲ್ಲ. ಬಲಗಡೆ ಮೂಗಿನೊಳಗೆ, ಎರಡು ದಿನ ತೊಳೆಯದೆ ಬಿಟ್ಟ ಮೀನಿನ ಬುಟ್ಟಿಯ ಹಾಗೆ ಒಂದು ನಾತ. ಬಗ್ಗಿ ಚಪ್ಪಲಿ ಹಾಕಿಕೊಳ್ಳುವಾಗ ಅದು ಭಗ್ಗೆಂದು ಬರುವುದು. ಸುಶ್ರುತ ಸಂಹಿತೆ ಮೂಗಿನ ರೋಗಗಳನ್ನೆಣಿಸುವಾಗ ‘ಪೂತಿನಸ್ಯ’ ಎಂದು ಇದಕ್ಕೆ ಹೆಸರಿಟ್ಟಿದೆಯೆಂದು ಆಮೇಲೆ ತಿಳಿಯಿತು. ಅಷ್ಟು ಹಿಂದಿನವರು ನಾಚದೆ ಹೇಳಿಕೊಂಡದ್ದನ್ನು ಹೇಳಲು ನನಗೆ ನಾಚಿಕೆ.

ನಾಚಿಕೆಯ ಬೆಲೆ ತೆತ್ತವರು ನನ್ನ ತಾಯಿ. ಎಂಬತ್ತೆಂಟು ದಾಟಿದ ಅವರಿಗೆ ಬಲಗಿವಿ ಪೂರ್ತಿ ಮಂದ. ಎಡಗಿವಿಯ ಹತ್ತಿರ ಬಾಯಿಟ್ಟು ಹೇಳಿದರೆ ಮಾತ್ರ ಕೇಳಿಸುತ್ತದೆ. ಮೊದಲೆಲ್ಲ ನಾನು ಹೋದೊಡನೆ ಮಂಚದ ಅಂಚಿನಲ್ಲಿ ಕುಳಿತು, ಕುಂದಾಪುರದ ಸುದ್ದಿಯನ್ನೆಲ್ಲ ಆ ಕಿವಿಗೆ ಸುರಿದು ಬರುತ್ತಿದ್ದೆ. ಈ ನಾತ ಶುರುವಾದ ಮೇಲೆ ಬಾಗಿಲ ಬಳಿ ನಿಂತು ಕೂಗಿ ಮಾತಾಡತೊಡಗಿದೆ. ಕೂಗಿ ಎಷ್ಟು ಸುದ್ದಿ ಹೇಳಲಾದೀತು? ಊಟ ಆಯ್ತಾ, ನಿದ್ದೆ ಬರ್ತದಾ, ಇಷ್ಟೇ. ಕೊರೊನಾ ಬಂದಾಗ ಊರೆಲ್ಲ ಮಾಸ್ಕನ್ನು ಶಪಿಸಿತು. ನಾನು ಅದಕ್ಕೆ ಮನಸ್ಸಿನಲ್ಲೇ ಕೈಮುಗಿದೆ. ಊರು ಮಾಸ್ಕು ಬಿಟ್ಟಮೇಲೂ ನಾನು ಬಿಡದಾಗ ಅತ್ತಿಗೆಗೆ ಸಿಟ್ಟು ಬಂತು. ಅಮ್ಮನ ಹತ್ತಿರ ಕೂರಲು ಇವನಿಗೆ ಅಸಹ್ಯವೇನೋ ಎಂದು ಅವರು ಅಣ್ಣನೊಡನೆ ಅಂದದ್ದು ನನ್ನ ಕಿವಿಗೂ ಬಿತ್ತು. ಅಸಹ್ಯವಿದ್ದದ್ದು ನಿಜ. ಯಾರ ಮೇಲೆಂದು ಅವರಿಗೆ ಹೇಳುವುದು ಹೇಗೆ?

ಇಷ್ಟಕ್ಕೆಲ್ಲ ಮಂಗಳ ಹಾಡಿದ್ದು ಒಂದು ಚಕ್ಕುಲಿ. 2023ರಲ್ಲಿ ಮಗಳ ಮನೆಯಲ್ಲಿ ಅದನ್ನು ಕಡಿದಾಗ ಎಡಗಡೆಯ ಕೆಳಹಲ್ಲಿನ ಚೂರೊಂದು ಹಾರಿಹೋಯಿತು. ‘ಅಪ್ಪಯ್ಯ, ಇಲ್ಲೇ ಪೇಟೆಯಲ್ಲಿ ತೋರಿಸ್ವ’ ಎಂದು ಮಗಳು ಬ್ರಹ್ಮಾವರದ ಹಲ್ಲಿನ ಡಾಕ್ಟರೊಬ್ಬರ ಬಳಿ ಕರೆದೊಯ್ದಳು. ಮಗಳಿಗಿಂತಲೂ ಚಿಕ್ಕವರಾಗಿ ಕಾಣುವ ಹೆಣ್ಣುಮಗಳು. ಮುರಿದ ಹಲ್ಲನ್ನು ಉಜ್ಜಿ ಸಮ ಮಾಡುತ್ತ, ನಾನು ಮೇಲಿಂದ ಮೇಲೆ ಮೂಗೊರೆಸಿಕೊಳ್ಳುವುದನ್ನು ಕಂಡು, ‘ಸರ್, ಯಾವ ಬದಿಯ ಮೂಗು?’ ಎಂದರು.

ನಾಲ್ಕು ವರ್ಷದಲ್ಲಿ ಆ ಪ್ರಶ್ನೆಯನ್ನು ಯಾರೂ ಕೇಳಿರಲಿಲ್ಲ. ಬಲ ಎಂದೆ. ಬಲ ಮಾತ್ರವೇ? ಹೌದು. ಕೆಟ್ಟ ವಾಸನೆ ಇದೆಯೇ? ಕುರ್ಚಿಯಲ್ಲಿ ಬಾಯಿ ತೆರೆದು ಮಲಗಿದವನಿಗೆ ಮಾನ ಕಾಪಾಡಿಕೊಳ್ಳುವ ಉಪಾಯವಿಲ್ಲ. ಇದೆ ಎಂದೆ. ಆಕೆ ಬಲಗಡೆಯ ಮೇಲಿನ ಹಲ್ಲುಗಳನ್ನು ಒಂದೊಂದಾಗಿ ಕಡ್ಡಿಯ ಹಿಡಿಯಿಂದ ತಟ್ಟಿದರು. ಮೊದಲನೆಯ ದೊಡ್ಡ ದವಡೆ ಹಲ್ಲಿಗೆ ಬಂದಾಗ, ನೋವೆನ್ನುವಂತಿಲ್ಲ, ಉಳಿದವುಗಳಿಗಿಂತ ಏನೋ ಬೇರೆ ಅನ್ನಿಸಿತು. 2011ರಲ್ಲಿ ಬೆಂಗಳೂರಿನಲ್ಲಿ ತಮ್ಮನ ಮನೆಯಲ್ಲಿದ್ದಾಗ ರೂಟ್ ಕೆನಾಲ್ ಮಾಡಿಸಿ ಕ್ಯಾಪ್ ಹಾಕಿಸಿದ ಹಲ್ಲು ಅದು. ಹನ್ನೆರಡು ವರ್ಷ ಒಂದು ದಿನವೂ ನೋಯದೆ, ಬಾಯಲ್ಲೆಲ್ಲ ಅದೇ ಒಳ್ಳೆಯ ಹಲ್ಲೆಂದು ನಾನು ನಂಬಿದ್ದ ಹಲ್ಲು.

ಮರುದಿನ ಕಪಾಟಿನ ಲಕೋಟೆ ಒಯ್ದು ಕೊಟ್ಟೆ. ಆಕೆ ಆ ಫಿಲ್ಮನ್ನು ಕಿಟಕಿಯ ಬೆಳಕಿಗೆ ಹಿಡಿದು, ಕೆಳಮೂಲೆಯಲ್ಲಿ ಬೆರಳಿಟ್ಟರು. ಹಲ್ಲಿನ ಒಂದು ಬೇರಿನ ತುದಿಯ ಸುತ್ತ ಗುಲಗಂಜಿಯಷ್ಟು ಕಪ್ಪು ಮಚ್ಚೆ. ಅದರ ಮೇಲಿನ ಎಲುಬಿನ ಬಿಳಿಗೆರೆ ಅಲ್ಲಿ ಮಾತ್ರ ಕಡಿದುಹೋಗಿತ್ತು. ಅಂದರೆ ಆ ಚಿತ್ರದಲ್ಲಿ ಎಲ್ಲವೂ ಇತ್ತು. ಮೂಗನ್ನು ನೋಡಲು ತೆಗೆಸಿದ ಚಿತ್ರದಲ್ಲಿ ಮೂಗನ್ನು ನೋಡಿದ್ದರು.

ಕೆನ್ನೆಯ ಎಲುಬಿನೊಳಗೆ ಮೂಗಿನ ಎರಡೂ ಬದಿಗೆ ಒಂದೊಂದು ಗಾಳಿಗೂಡು ಇದೆ. ದೊಡ್ಡವರಲ್ಲಿ ಸುಮಾರು 15 ಮಿಲಿಲೀಟರು ಹಿಡಿಯುವಷ್ಟು, ಎಂದರೆ ಚಹದ ಚಮಚೆಯಲ್ಲಿ ಮೂರು ಚಮಚೆ. ಇದನ್ನು ಕಟ್ಟಿದ ಮೇಸ್ತ್ರಿಯ ಬಗ್ಗೆ ನನಗೆ ದೊಡ್ಡ ಗೌರವವಿಲ್ಲ. ನೀರು ಹೋಗುವ ಕಂಡಿಯನ್ನು ಅವನು ನೆಲದಲ್ಲಿಡದೆ ಮಾಡಿನ ಹತ್ತಿರ ಇಟ್ಟಿದ್ದಾನೆ. ಒಳಗೋಡೆಯ ಸೂಕ್ಷ್ಮ ರೋಮಗಳು ಹಗಲಿರುಳು ಬೀಸುತ್ತ ದ್ರವವನ್ನು ಮೇಲಕ್ಕೆ ಹತ್ತಿಸಿ ಆ ಕಂಡಿಯಿಂದ ಮೂಗಿಗೆ ನೂಕಬೇಕು. ಇನ್ನು ಗೂಡಿನ ನೆಲವೋ, ಮೇಲಿನ ದವಡೆ ಹಲ್ಲುಗಳ ಬೇರುಗಳ ಮೇಲೆಯೇ ಹಾಸಿದ ತೆಳು ಎಲುಬು. ಕೆಲವರಲ್ಲಿ ಕಾಗದದಷ್ಟು ತೆಳು. ಬೇರಿನ ತುದಿಯಲ್ಲಿ ಕೀವಾದರೆ ವಸಡಿನತ್ತ ಬರುವುದಕ್ಕಿಂತ ಮೇಲಕ್ಕೆ ಹೋಗುವುದೇ ಅದಕ್ಕೆ ಕೆಲವೊಮ್ಮೆ ಸುಲಭ. ಒತ್ತಡವೇ ಕಟ್ಟದ್ದರಿಂದ ಹಲ್ಲು ನೋಯುವುದಿಲ್ಲ, ಕೆನ್ನೆ ಊದುವುದಿಲ್ಲ. ಬಾಯೊಳಗಿನ, ಗಾಳಿ ಬೇಡದ ರೋಗಾಣುಗಳು ಗೂಡಿಗೆ ನುಗ್ಗಿದ್ದರಿಂದಲೇ ಆ ನಾತ. ಮಾತ್ರೆ ನುಂಗಿದಾಗ ಗೂಡು ತಿಳಿಯಾಗುತ್ತದೆ, ಬೇರು ಹಾಗೇ ಇರುತ್ತದೆ. ನೆಲದಡಿ ಗೆದ್ದಲಿರುವಾಗ ಗೋಡೆಗೆ ಸುಣ್ಣ ಬಳಿದಂತೆ. ಮೇಲಿನ ಮೊದಲ ದವಡೆ ಹಲ್ಲಿನ ಒಂದು ಬೇರಿನಲ್ಲಿ ಎರಡನೆಯ ನಾಳವೊಂದು ಅಡಗಿರುತ್ತದಂತೆ. ನನ್ನ ಹಲ್ಲಿನಲ್ಲಿ ಅದು ತೆರೆಯದೆ ಉಳಿದಿತ್ತು.

ಹಲ್ಲಿನ ಪಾಲು ನೂರಕ್ಕೆ 10ರಿಂದ 12 ಎಂದು ಹಳೆಯ ವೈದ್ಯಪುಸ್ತಕಗಳು ಬರೆಯುತ್ತಿದ್ದವು. ಸ್ಕ್ಯಾನುಗಳು ಬಂದಮೇಲೆ, ಒಂದೇ ಬದಿಯ ಸೈನಸ್ಸಿನಲ್ಲಾದರೂ ಅದು ಎಷ್ಟೋ ಹೆಚ್ಚೆಂದು ಗೊತ್ತಾಗಿದೆ. ಸಂಬಂಧವೇನೂ ಹೊಸತಲ್ಲ. ಲಿಯೊನಾರ್ಡೊ ಡ ವಿಂಚಿ 1489ರಲ್ಲಿ ತಲೆಬುರುಡೆಯನ್ನು ಸೀಳಿ ಈ ಗೂಡಿನ ಚಿತ್ರ ಬರೆದಿದ್ದ. 1651ರಲ್ಲಿ ನಥಾನಿಯಲ್ ಹೈಮೋರ್ ಎಂಬ ಇಂಗ್ಲಿಷ್ ವೈದ್ಯ ಅದನ್ನು ವಿವರಿಸಿದಾಗ ಅವನ ಮುಂದಿದ್ದದ್ದೂ ಒಂದು ಹಲ್ಲಿನ ಕತೆಯೇ. ಕೋರೆಹಲ್ಲು ಕೀಳಿಸಿಕೊಂಡ ಹೆಂಗಸೊಬ್ಬಳಿಗೆ ಆ ತೂತಿನಿಂದ ದ್ರವ ಸೋರುವುದು ನಿಲ್ಲಲಿಲ್ಲ. ಅವಳು ಬೆಳ್ಳಿಯ ಕಡ್ಡಿ ತೂರಿಸಿ ನೋಡಿದಳು. ಆಮೇಲೆ ಎಳೆ ಬಿಡಿಸಿದ ಹಕ್ಕಿಗರಿ ತೂರಿಸಿದಳು. ಗರಿ ಬಹುಮಟ್ಟಿಗೆ ಒಳಗೇ ಹೋಯಿತು. ಮಿದುಳಿಗೇ ಹೋಯಿತೆಂದು ಅವಳು ಬೆದರಿದಳು. ಅದು ಖಾಲಿ ಗೂಡಿನೊಳಗೆ ಸುರುಳಿಯಾಗಿದೆಯಷ್ಟೇ ಎಂದು ಹೈಮೋರ್ ಸಮಾಧಾನ ಹೇಳಬೇಕಾಯಿತು. ಆ ಹೆಂಗಸಿನ ಮೇಲೆ ನನಗೆ ಬಹಳ ಪ್ರೀತಿ. ಅವಳು ನಾಚಲಿಲ್ಲ, ಕಡ್ಡಿ ಹಿಡಿದು ನೋಡಿಯೇ ಬಿಟ್ಟಳು.

ನಾನಾದರೋ ಒಂದು ವಾರ ಅವಳಿಗಿಂತ ಹೆಚ್ಚು ಬೆದರಿದೆ. ಒಂದೇ ಬದಿಯ ಮೂಗು, ವಾಸನೆ ಎಂದರೆ ಹಲ್ಲೇ ಆಗಿರಬೇಕೆಂದಿಲ್ಲ. ಬೂಷ್ಟು ಕಟ್ಟಿರಬಹುದು, ಗಡ್ಡೆಯೂ ಇರಬಹುದು, ಆದ್ದರಿಂದ ಮೂಗಿನವರೂ ದುರ್ಬೀನು ಹಾಕಿ ನೋಡಲಿ ಎಂದು ಹಲ್ಲಿನ ಡಾಕ್ಟರು ಮಣಿಪಾಲಕ್ಕೆ ಕಳಿಸಿದ್ದರು. ಗಡ್ಡೆ ಎಂಬ ಮಾತು ಕೇಳಿದ ಮನುಷ್ಯನಿಗೆ ನಿದ್ದೆಯೇ? ಅಲ್ಲಿ ಇರಲಿಲ್ಲ, ಕೀವೊಂದೇ ಇತ್ತು. ಕೋನ್ ಬೀಮ್ ಎಂಬ ಹಲ್ಲಿನ ಸ್ಕ್ಯಾನಿನಲ್ಲಿ ಬೇರು ಉದ್ದಕ್ಕೆ ಬಿರಿದದ್ದೂ ಕಂಡಿತು. ಬಿರಿಯದಿದ್ದರೆ ರೂಟ್ ಕೆನಾಲನ್ನೇ ಮತ್ತೆ ಮಾಡಿ ಹಲ್ಲು ಉಳಿಸಬಹುದಿತ್ತಂತೆ. ನನ್ನದು ಕೀಳುವ ಹಲ್ಲಾಯಿತು.

ಕಿತ್ತಾಗ ಗೂಡಿನ ನೆಲದಲ್ಲಿ ಸಣ್ಣ ತೂತಾಯಿತು. ವಸಡು ಎಳೆದು ಹೊಲಿಗೆ ಹಾಕಿದರು. ಎರಡು ವಾರ ಮೂಗು ಸೀಟುವಂತಿಲ್ಲ. ಸೀನು ಬಂದರೆ ಬಾಯಿ ತೆರೆದೇ ಸೀನಬೇಕು. ಹೀರುವ ಕೆಲಸ ಯಾವುದೂ ಕೂಡದು, ಬೊಂಡಕ್ಕೆ ಸ್ಟ್ರಾ ಕೂಡ ಹಾಕಬಾರದು. ಬಾಯಿ ಮುಕ್ಕಳಿಸಿದ ನೀರು ಮೂಗಿನಿಂದ ಬಂದರೆ ಕೂಡಲೇ ಬರಬೇಕು. ಬರಲಿಲ್ಲ. ಕುಚ್ಚಲಕ್ಕಿ ಗಂಜಿಯನ್ನು ಎಡಗಡೆಯಲ್ಲೇ ನುಂಗಿ ದಿನ ಕಳೆದೆ. ಗೂಡು ತಿಳಿಯಾಗದಿದ್ದರೆ ಮೂಗಿನ ಮೂಲಕ ದುರ್ಬೀನು ಹಾಕಿ ಕಂಡಿ ಅಗಲಿಸುವುದು ಎಂದಿದ್ದರು, ಅದೂ ಬೇಕಾಗಲಿಲ್ಲ. ಬೊಂಬಾಯಿಯ ಹೋಟೆಲಿನಲ್ಲಿದ್ದ ನನ್ನ ಸೋದರಮಾವನಿಗೆ 1960ರ ದಶಕದಲ್ಲಿ ಇದೇ ಕೆನ್ನೆಗೂಡಿಗೆ ಹಳೆಯ ರೀತಿಯ ಶಸ್ತ್ರಕ್ರಿಯೆ ಆಗಿತ್ತು. 1893ರಲ್ಲಿ ನ್ಯೂಯಾರ್ಕಿನ ಕಾಲ್ಡ್‌ವೆಲ್, 1897ರಲ್ಲಿ ಪ್ಯಾರಿಸಿನ ಲುಕ್ ಹೇಳಿಕೊಟ್ಟ ಕ್ರಮ: ಮೇಲ್ದುಟಿ ಎತ್ತಿ, ವಸಡಿನ ಮೇಲೆ ಕೊಯ್ದು, ಕೆನ್ನೆಯ ಎಲುಬಿಗೆ ಕಿಟಕಿ ತೆಗೆಯುವುದು. ಮಾವನ ಮುಖ ತಿಂಗಳೊಪ್ಪತ್ತು ಹಲಸಿನಹಣ್ಣಿನಂತಿತ್ತೆಂದು ಅಮ್ಮ ಹೇಳುತ್ತಿದ್ದರು. ಅವರ ಹಲ್ಲನ್ನು ಯಾರಾದರೂ ತಟ್ಟಿ ನೋಡಿದ್ದರೋ ಇಲ್ಲವೋ.

ಆರನೆಯ ವಾರ ಒಂದು ಬೆಳಿಗ್ಗೆ, ಚಪ್ಪಲಿ ಹಾಕಿಕೊಳ್ಳಲು ಬಗ್ಗಿದಾಗ ಏನೂ ಬರಲಿಲ್ಲ. ಎದ್ದು ಮತ್ತೊಮ್ಮೆ ಬಗ್ಗಿದೆ. ಹೆಂಡತಿ ಒಳಗಿನಿಂದ ಏನು ಕಳೆದುಹೋಯಿತೆಂದು ಕೇಳಿದಳು.

ಆ ಭಾನುವಾರ ಬೈಂದೂರಿಗೆ ಹೋದವನು ಮಂಚದ ಅಂಚಿನಲ್ಲೇ ಕುಳಿತೆ. ಅಮ್ಮನ ಎಡಗಿವಿಗೆ ಬಾಯಿಟ್ಟು ಚಕ್ಕುಲಿಯಿಂದ ಹಿಡಿದು ಮಣಿಪಾಲದವರೆಗೆ ಎಲ್ಲ ಹೇಳಿದೆ. ವಾಸನೆಯ ಮಾತನ್ನೂ ಹೇಳಿದೆ, ನಾಲ್ಕು ವರ್ಷ ಬಾಗಿಲ ಬಳಿಯೇ ನಿಂತದ್ದು ಅದಕ್ಕೇ ಎಂದೆ. ಅವರು ನನ್ನ ಮೊಣಕೈ ಹಿಡಿದುಕೊಂಡು ಕೇಳುತ್ತಿದ್ದರು.

‘ನಂಗ್ ಗೊತ್ತಿತ್ತ್ ಮಗಾ. ಹೇಳ್ರೆ ನೀನ್ ಬಪ್ಪುದೇ ಬಿಟ್ರೆ ಎಂತ ಮಾಡೂದ್ ಅಂದ್ಹೇಳಿ ಸುಮ್ನಾದೆ’ ಎಂದರು. ಸ್ವಲ್ಪ ಹೊತ್ತಿನ ಮೇಲೆ, ‘ಕಿತ್ತ ಹಲ್ಲ್ ಮಾಡಿನ್ ಮೇಲ್ ಹಾಕಿದ್ಯಾ?’ ಎಂದು ಕೇಳಿದರು.

ಇಲ್ಲ, ಡಾಕ್ಟರೇ ಇಟ್ಟುಕೊಂಡರು ಎಂದೆ. ಅದು ಅವರಿಗೆ ಅಷ್ಟು ಸರಿಬಂದಂತೆ ಕಾಣಲಿಲ್ಲ.