ಮೇಲಿನ ಪಿನ್ನು

ಆಗುಂಬೆ ಘಾಟಿಯ 14 ತಿರುವು ಇಳಿದು ಸೋಮೇಶ್ವರ ದಾಟಿದರೆ ಹೆಬ್ರಿ. ಆ ಪೇಟೆ ಮುಗಿಯುವಲ್ಲಿ ರಸ್ತೆಗೆ ತಾಗಿಕೊಂಡೇ ಇದ್ದ ಗ್ಯಾರೇಜೊಂದರಲ್ಲಿ 1989ರ ಮಳೆಗಾಲದಿಂದ ಮೂರು ವರ್ಷ ನಾನು ಹೆಲ್ಪರ್ ಆಗಿದ್ದೆ. ಪಿಯುಸಿಯಲ್ಲಿ ಡುಮ್ಕಿ ಹೊಡೆದವನಿಗೆ ಅಪ್ಪ ತೋರಿಸಿದ ದಾರಿ ಅದು. ಗ್ಯಾರೇಜು ಎಂದರೆ ತಗಡಿನ ಮಾಡು, ಎದುರಿಗೆ ಒಂದು ಹಲಸಿನ ಮರ, ಮರದ ಬುಡದಲ್ಲಿ ಜಾಕಿ. ನಮಗೆ ಗಿರಾಕಿಗಳನ್ನು ಕಳಿಸಿಕೊಡುತ್ತಿದ್ದದ್ದು ಘಾಟಿಯೇ. ಸೂರ್ಯಾಸ್ತ ನೋಡಿ ಕತ್ತಲಾಗುವ ಮೊದಲು ಕೆಳಗೆ ಬಂದುಬಿಡಬೇಕೆಂದು ಬ್ರೇಕಿನ ಮೇಲೆ ಕಾಲಿಟ್ಟೇ ಇಳಿದವರು ಹೆಬ್ರಿ ಮುಟ್ಟುವಷ್ಟರಲ್ಲಿ ಗಾಡಿಯಿಂದ ಸುಟ್ಟ ವಾಸನೆ ಏಳುತ್ತಿತ್ತು. ವಾಸನೆ ಮೂಗಿಗೆ ಬಡಿದ ಕೂಡಲೇ ಮೇಸ್ತ್ರಿ ಬೀಡಿ ಆರಿಸಿ ಎದ್ದು ನಿಲ್ಲುತ್ತಿದ್ದರು.

ಆಗ ನಮ್ಮಲ್ಲಿ ಕಾರು ಎಂದರೆ ಅಂಬಾಸಿಡರ್. ಬಸ್ಸು ತಪ್ಪಿದವರನ್ನೆಲ್ಲ ತುಂಬಿಕೊಂಡು ಓಡುವ ಸರ್ವಿಸ್ ಕಾರುಗಳು. ಡ್ರೈವರ್ ಅರ್ಧ ಮೈ ಬಾಗಿಲಿನಿಂದ ಹೊರಗಿಟ್ಟು ಕೂರುತ್ತಿದ್ದ. ಆ ಗಾಡಿಗಳ ನಾಲ್ಕೂ ಚಕ್ರಕ್ಕೆ ಡ್ರಮ್ ಬ್ರೇಕು. ಸವೆದ ಲೈನರನ್ನು ಶೂನಿಂದ ಕಿತ್ತು, ಹೊಸದನ್ನು ಇಟ್ಟು, ತಾಮ್ರದ ರಿವಿಟ್ ಹೊಡೆಯುವುದು ನನ್ನ ಮೊದಲ ವರ್ಷದ ವಿದ್ಯೆ. ಒಂದು ಏಟು ಜಾಸ್ತಿಯಾದರೆ ಲೈನರ್ ಬಿರಿಯುತ್ತಿತ್ತು, ಕಮ್ಮಿಯಾದರೆ ಅಲುಗುತ್ತಿತ್ತು. ಡ್ರಮ್ಮಿನೊಳಗೆ ಗೆರೆ ಬಿದ್ದರೆ ಅದನ್ನು ಬಸ್ಸಿನಲ್ಲಿ ಹಾಕಿಕೊಂಡು ಉಡುಪಿಯ ಲೇತಿಗೆ ಒಯ್ಯಬೇಕು. ಒಳಗಿನ ಧೂಳನ್ನು ಬಾಯಿಂದ ಊದಿ ತೆಗೆಯುತ್ತಿದ್ದೆವು. ಆ ಲೈನರಿನಲ್ಲಿದ್ದದ್ದು ಕಲ್ನಾರು. ಅದು ಎದೆಗೆ ವಿಷವೆಂದು ನಮಗೆ ಯಾರೂ ಹೇಳಿರಲಿಲ್ಲ.

ಡ್ರಮ್ಮಿನಲ್ಲಿ ಎಲ್ಲವೂ ಒಳಗೊಳಗೇ. ನೀರು ಹೊಕ್ಕರೆ ಬ್ರೇಕು ಹಿಡಿಯುವುದಿಲ್ಲ, ಪೆಡಲನ್ನು ಮೆಲ್ಲಗೆ ಒತ್ತಿಕೊಂಡೇ ಅರ್ಧ ಫರ್ಲಾಂಗು ಓಡಿಸಿ ಒಣಗಿಸಬೇಕು. ಆದರೆ ಶೂಗಳನ್ನು ಹಿಂದಕ್ಕೆ ಎಳೆಯಲು ಗಟ್ಟಿ ಸ್ಪ್ರಿಂಗ್‌ಗಳಿದ್ದವು. ಕಾಲು ತೆಗೆದರೆ ಬ್ರೇಕು ಬಿಡುತ್ತದೋ ಇಲ್ಲವೋ ಎಂದು ನಾವು ತಲೆಕೆಡಿಸಿಕೊಂಡದ್ದೇ ಇಲ್ಲ.

ಮಾರುತಿ 800 ದೇಶದ ರಸ್ತೆಗೆ ಇಳಿದದ್ದು 1983ರ ಡಿಸೆಂಬರಿನಲ್ಲಿ. 1986ರಲ್ಲಿ ಬಂದ ಎರಡನೆಯ ಮಾದರಿಗೆ ಮುಂದಿನ ಚಕ್ರಗಳಲ್ಲಿ ಡಿಸ್ಕ್ ಬ್ರೇಕ್ ಇತ್ತು. ನಮ್ಮ ಹಲಸಿನ ಮರದ ಅಡಿಗೆ ಅದು ಬಂದು ನಿಂತದ್ದು 1990ರಲ್ಲಿ. ತೀರ್ಥಹಳ್ಳಿಯಿಂದ ಇಳಿದು ಬಂದ ಬ್ಯಾಂಕಿನವರೊಬ್ಬರ ಬಿಳಿ ಗಾಡಿ. ಎಡಗಡೆ ಎಳೆಯುತ್ತದೆ, ವಾಸನೆ ಬರುತ್ತದೆ ಎಂದರು. ಮೇಸ್ತ್ರಿ ಎಡ ಚಕ್ರದ ಮೇಲೆ ನಾಲ್ಕು ಹನಿ ನೀರು ಚಿಮುಕಿಸಿದರು, ಚುಂಯ್ ಎಂದಿತು. ಬಲ ಚಕ್ರಕ್ಕೂ ಚಿಮುಕಿಸಿದರು. ಅಲ್ಲಿ ಹನಿ ಹಾಗೆಯೇ ನಿಂತಿತು.

ಚಕ್ರ ಬಿಚ್ಚಿ ನೋಡಿದರೆ ಒಳಗಿನ ಪ್ಯಾಡ್ ಕಬ್ಬಿಣದವರೆಗೆ ಸವೆದಿದೆ, ಹೊರಗಿನದ್ದು ನಿನ್ನೆ ಹಾಕಿದ ಹಾಗಿದೆ. ಒಂದೇ ಚಕ್ರದ, ಒಂದೇ ಜೋಡಿಯ ಪ್ಯಾಡುಗಳು. ಪಿಸ್ಟನ್ ಜಾಮ್ ಆಗಿರಬೇಕು ಎಂದುಕೊಂಡ ಮೇಸ್ತ್ರಿ ಅದನ್ನು ಹೊರಗೆ ತೆಗೆದು, ಸೀಲ್ ಬದಲಿಸಿ, ಹೊಸ ಪ್ಯಾಡ್ ಹಾಕಿ, ಏರ್ ತೆಗೆದು ಕಳಿಸಿದರು. ಎರಡು ತಿಂಗಳಿಗೆ ಅದೇ ಗಾಡಿ, ಅದೇ ಚಕ್ರ, ಅದೇ ವಾಸನೆ. ಮಾಡಿದ ಕೆಲಸ ಮರಳಿ ಬರುವುದಕ್ಕಿಂತ ದೊಡ್ಡ ಅವಮಾನ ಮೇಸ್ತ್ರಿಗೆ ಇರಲಿಲ್ಲ. ಆ ಸಂಜೆ ಗಾಡಿ ಬಿಚ್ಚಿಟ್ಟು, ಕ್ಯಾಲಿಪರನ್ನು ತೊಡೆಯ ಮೇಲಿಟ್ಟುಕೊಂಡು, ಮಗು ಆಟಿಕೆ ನೋಡುವ ಹಾಗೆ ತಿರುಗಿಸಿ ತಿರುಗಿಸಿ ನೋಡಿದರು. ಕತ್ತಲಾದ ಮೇಲೆ ನನ್ನನ್ನು ಕರೆದರು. "ಮಾಣಿ, ಇಲ್ಲಿ ನೋಡು. ಪಿಸ್ಟನ್ ಒಂದೇ ಬದಿಗೆ ಉಂಟು. ಹಾಗಾದ್ರೆ ಆಚೆಯ ಪ್ಯಾಡನ್ನು ಒತ್ತುವುದು ಯಾರು?"

ನನಗೆ ಗೊತ್ತಿರಲಿಲ್ಲ. ಅವರಿಗೂ ಅದೇ ಆಗಷ್ಟೇ ಹೊಳೆದಿತ್ತು. ಪಿಸ್ಟನ್ ಒಳಗಿನ ಪ್ಯಾಡನ್ನು ಡಿಸ್ಕಿಗೆ ಒತ್ತುತ್ತದೆ. ಒತ್ತಿದ ಬಲಕ್ಕೆ ಇಡೀ ಕ್ಯಾಲಿಪರ್ ಹಿಂದಕ್ಕೆ ಸರಿದು ಹೊರಗಿನ ಪ್ಯಾಡನ್ನು ತನ್ನೊಂದಿಗೆ ಎಳೆದು ತರುತ್ತದೆ. ಸರಿಯಬೇಕಾದರೆ ಅದು ಯಾವುದರದೋ ಮೇಲೆ ಜಾರಬೇಕು. ಜಾರುವುದು ಮೇಲೊಂದು, ಕೆಳಗೊಂದು ಇರುವ ಎರಡು ಪಿನ್ನುಗಳ ಮೇಲೆ. ಕಿರುಬೆರಳಿನ ಗಾತ್ರದ ನುಣುಪಾದ ಕಡ್ಡಿಗಳು ಅವು, ಮೇಲೆ ಹಾರ್ಮೋನಿಯಂ ತಿದಿಯ ಹಾಗೆ ಮಡಿಕೆ ಮಡಿಕೆಯ ರಬ್ಬರ್ ಬೂಟು. ನಾವು ಎರಡು ತಿಂಗಳ ಹಿಂದೆ ಅವುಗಳನ್ನು ಬರಿಯ ಬೋಲ್ಟು ಎಂದುಕೊಂಡು ಬಿಗಿದು ಬಿಟ್ಟಿದ್ದೆವು. ಬೂಟು ಹರಿದು, ನೀರು ಇಳಿದು, ಪಿನ್ನು ತುಕ್ಕು ಹಿಡಿದು, ಆಟಿ ತಿಂಗಳಲ್ಲಿ ಉಬ್ಬಿದ ಹಲಸಿನ ಬಾಗಿಲಿನ ಹಾಗೆ ಕಚ್ಚಿಕೊಂಡಿತ್ತು.

ಡಿಸ್ಕ್ ಬ್ರೇಕಿನಲ್ಲಿ ಪ್ಯಾಡನ್ನು ಹಿಂದಕ್ಕೆ ಎಳೆಯುವ ದೊಡ್ಡ ಸ್ಪ್ರಿಂಗ್ ಇಲ್ಲ. ಪೆಡಲ್ ಬಿಟ್ಟಾಗ ಪಿಸ್ಟನ್ನಿನ ಸುತ್ತಲಿನ ಸೀಲ್ ತಿರುಚಿದ್ದು ನೇರವಾಗಿ ಒಂದು ಕೂದಲೆಳೆಯಷ್ಟು ಅದನ್ನು ಹಿಂದಕ್ಕೆಳೆಯುತ್ತದೆ, ಅಷ್ಟೇ. ಅಷ್ಟು ನವಿರಾದ ಏರ್ಪಾಡಿನಲ್ಲಿ ಪಿನ್ನು ಹಠ ಹಿಡಿದರೆ ಪ್ಯಾಡ್ ಡಿಸ್ಕನ್ನು ಉಜ್ಜುತ್ತಲೇ ಇರುತ್ತದೆ. ಅಂದಿನಿಂದ ಮೇಸ್ತ್ರಿಯ ಬಾಯಲ್ಲಿ ಒಂದು ಮಾತು ಶುರುವಾಯಿತು: "ಬ್ರೇಕ್ ಹಿಡೀತದಾ ಅಂತ ಎಲ್ಲರೂ ನೋಡ್ತಾರೆ. ಬಿಡ್ತದಾ ಅಂತ ನೋಡುವವ ಮೆಕ್ಯಾನಿಕ್."

ರೋಗ ಗೊತ್ತಾಯಿತು, ಮದ್ದು ಗೊತ್ತಾಗಲು ಇನ್ನೆರಡು ಮಳೆಗಾಲ ಬೇಕಾಯಿತು. ಮೊದಲು ಪಿನ್ನುಗಳನ್ನು ಉಜ್ಜಿ, ಅಂಬಾಸಿಡರಿನ ನಿಪ್ಪಲುಗಳಿಗೆ ಹೊಡೆಯುವ ಮಾಮೂಲಿ ಗ್ರೀಸನ್ನು ಮೆತ್ತಿದವನು ನಾನೇ. ಜಾರಲಿ ಎಂದು ಧಾರಾಳವಾಗಿ ಮೆತ್ತಿದೆ. ತಿಂಗಳು ಕಳೆಯುವಷ್ಟರಲ್ಲಿ ಬೂಟುಗಳು ಊದಿ ಜೋಲುಬಿದ್ದವು. ಒಂದು ಪಿನ್ನಿನ ತುದಿಯಲ್ಲಿದ್ದ ರಬ್ಬರ್ ತೋಳು ಕೂಡ ಊದಿ ತೂತಿನೊಳಗೆ ಬಿರಡೆಯ ಹಾಗೆ ಕೂತಿತ್ತು. ಬ್ರೇಕಿನ ರಬ್ಬರಿಗೂ ಪೆಟ್ರೋಲಿಯಂ ಎಣ್ಣೆಗೂ ಆಗಿಬರುವುದಿಲ್ಲ. ಅದನ್ನು ಸೀಮೆಎಣ್ಣೆಯಲ್ಲಿ ತೊಳೆಯುವುದೂ ಅಷ್ಟೇ ತಪ್ಪು, ನಾವು ಅದನ್ನೂ ಮಾಡಿದ್ದೆವು.

ಮೇಸ್ತ್ರಿಗೆ ಹರಳೆಣ್ಣೆ ನೆನಪಾಯಿತು. ವೀಲ್ ಸಿಲಿಂಡರಿನ ಕಪ್ಪುಗಳನ್ನು ಕೂರಿಸುವಾಗ ಹಿಂದಿನವರು ಬೆರಳಿಗೆ ಹರಳೆಣ್ಣೆ ಸವರಿಕೊಳ್ಳುತ್ತಿದ್ದರಂತೆ. ಆ ತಿಳಿವಳಿಕೆ ಸುಳ್ಳಲ್ಲ. ಒಂದು ಕಾಲದ ಬ್ರೇಕ್ ಆಯಿಲಿನಲ್ಲಿ ಹರಳೆಣ್ಣೆ ಇತ್ತು, ಬ್ರೇಕಿನ ರಬ್ಬರಿಗೆ ಹಚ್ಚುವ ಕೆಂಪು ಗ್ರೀಸಿನಲ್ಲಿ ಈಗಲೂ ಇದೆ. ಕ್ಯಾಸ್ಟ್ರಾಲ್ ಎಂಬ ಹೆಸರೇ ಹರಳೆಣ್ಣೆಯ ಇಂಗ್ಲಿಷ್ ಹೆಸರಿನಿಂದ ಹುಟ್ಟಿದ್ದು. ಮೇಸ್ತ್ರಿಯ ಹೆಂಡತಿ ತಲೆಗೆ ಹಚ್ಚಲೆಂದು ಇಟ್ಟಿದ್ದ ಬಾಟಲಿ ಗ್ಯಾರೇಜಿಗೆ ಬಂತು. ರಬ್ಬರು ಊದಲಿಲ್ಲ, ನಿಜ. ಆದರೆ ಘಾಟಿ ಇಳಿಯುವ ಗಾಡಿಯ ಬಿಸಿಗೆ ಎಣ್ಣೆ ಒಣಗಿ ಹಲಸಿನ ಮಯಣದ ಹಾಗೆ ಅಂಟಾಯಿತು. ಕೊನೆಗೆ ಉಡುಪಿಯ ಬಿಡಿಭಾಗದ ಅಂಗಡಿಯಿಂದ ಟೂತ್‌ಪೇಸ್ಟಿನ ಹಾಗಿರುವ ಸಣ್ಣ ಟ್ಯೂಬಿನಲ್ಲಿ ಸಿಲಿಕೋನ್ ಗ್ರೀಸ್ ಬಂತು. ಅದರ ಬೆಲೆ ಕೇಳಿ ಮೇಸ್ತ್ರಿ ಟ್ಯೂಬನ್ನು ಹಣದ ಡಬ್ಬಿಯಲ್ಲೇ ಇಟ್ಟು ಬೀಗ ಹಾಕಿದರು.

ಈಗ ಮೇಲಿನ ಪಿನ್ನಿನ ವಿಷಯ. ಹೆಚ್ಚಿನ ಸಣ್ಣ ಕಾರುಗಳಲ್ಲಿ ಪ್ಯಾಡ್ ಬದಲಿಸಲು ಕೆಳಗಿನ ಬೋಲ್ಟೊಂದನ್ನು ಬಿಚ್ಚಿದರೆ ಸಾಕು. ಕ್ಯಾಲಿಪರನ್ನು ಮೇಲಿನ ಪಿನ್ನಿನ ಮೇಲೆ ಪೆಟ್ಟಿಗೆಯ ಮುಚ್ಚಳದ ಹಾಗೆ ಎತ್ತಬಹುದು. ಹಳೆ ಪ್ಯಾಡ್ ತೆಗೆ, ಹೊಸದು ಹಾಕು, ಮುಚ್ಚು, ಕಾಲು ಗಂಟೆಯ ಕೆಲಸ. ಹೀಗಾಗಿ ಕೆಳಗಿನ ಪಿನ್ನು ಆಗೀಗ ಹೊರಗಿನ ಗಾಳಿ ಕಾಣುತ್ತದೆ, ಮೇಲಿನದ್ದು ಗಾಡಿ ಶೋರೂಮಿನಿಂದ ಹೊರಟಂದಿನಿಂದ ತೂತಿನೊಳಗೇ ಇರುತ್ತದೆ. ಒಂದು ಪಿನ್ನು ಜಾರಿ ಇನ್ನೊಂದು ಜಾರದಿದ್ದರೆ ಪ್ಯಾಡ್ ಓರೆಯಾಗಿ ಸವೆಯುತ್ತದೆ, ಒಂದು ತುದಿ ದಪ್ಪ, ಇನ್ನೊಂದು ತುದಿ ಚಪ್ಪಟೆ. ಅಂಥ ಪ್ಯಾಡ್ ಕಂಡಾಗಲೆಲ್ಲ ಮೇಸ್ತ್ರಿ ಕೇಳುತ್ತಿದ್ದದ್ದು ಒಂದೇ ಶಬ್ದ: "ಮೇಲಿನದ್ದು?"

ಕಚ್ಚಿಕೊಂಡ ಪಿನ್ನಿಗೆ ಅವರು ಸುತ್ತಿಗೆ ಮುಟ್ಟಿಸಲು ಬಿಡುತ್ತಿರಲಿಲ್ಲ. ತುಕ್ಕು ಬಿಡಿಸುವ ಎಣ್ಣೆ ಬಿಟ್ಟು, ಸ್ಪ್ಯಾನರಿನಲ್ಲಿ ಹಿಡಿದು, ಆಚೆ ಒಂದಿಷ್ಟು ಈಚೆ ಒಂದಿಷ್ಟು ತಿರುಗಿಸಬೇಕು. ತಿರುಗಿದರೆ ಅರ್ಧ ಗೆದ್ದ ಹಾಗೆ, ಮತ್ತೆ ತಿರುಗಿಸುತ್ತಲೇ ಎಳೆಯಬೇಕು. ಬಿದಿರಿನ ಕಡ್ಡಿಗೆ ಹಳೆ ಬನಿಯನ್ ಬಟ್ಟೆ ಸುತ್ತಿ ತೂತು ಸ್ವಚ್ಛ ಮಾಡುವುದು ನನ್ನ ಕೆಲಸ. ಪಿನ್ನಿನ ಮೇಲೆ ಉಗುರು ಎಳೆದು ನೋಡುತ್ತಿದ್ದೆ. ಉಗುರಿಗೆ ಗುಳಿ ಸಿಕ್ಕಿದರೆ ಆ ಪಿನ್ನು ಗುಜರಿಗೆ. ಎಮರಿ ಪೇಪರಿನಲ್ಲಿ ಉಜ್ಜಿ ಹೊಳಪು ಮಾಡಿದರೆ ನಾಲ್ಕು ದಿನ ಚಂದ. ಮೇಲಿನ ಲೇಪ ಹೋದ ಕಬ್ಬಿಣ ಮುಂದಿನ ಮಳೆಗೆ ಇನ್ನೂ ಬೇಗ ತುಕ್ಕು ಹಿಡಿಯುತ್ತದೆ. ರಬ್ಬರ್ ತೋಳಿನ ಪಿನ್ನು ಯಾವ ತೂತಿನಿಂದ ಬಂತೋ ಅದಕ್ಕೇ ಹೋಗಬೇಕು, ಅದಲುಬದಲಾಗಬಾರದು. ಗ್ರೀಸು ತೆಳ್ಳಗೆ. ಜಾಸ್ತಿ ತುಂಬಿದರೆ ಗ್ರೀಸೂ ಗಾಳಿಯೂ ತೂತಿನ ತಳದಲ್ಲಿ ಸಿಕ್ಕಿಕೊಂಡು ಪಿನ್ನನ್ನು ಹೊರಗೆ ದೂಡುತ್ತವೆ. ಬೂಟಿನ ಅಂಚನ್ನು ಚೂರು ಚಿವುಟಿ ಗಾಳಿ ಬಿಟ್ಟು, ಎರಡು ಬೆರಳಿನಲ್ಲಿ ದೂಡಿದರೆ ಹೋಗಬೇಕು, ಎಳೆದರೆ ಬರಬೇಕು.

ನನ್ನ ಇನ್ನೊಂದು ಅಪರಾಧವನ್ನೂ ಹೇಳಿಬಿಡುತ್ತೇನೆ. ಹೊಸ ಪ್ಯಾಡಿಗೆ ಜಾಗವಾಗಲೆಂದು ಪಿಸ್ಟನ್ನನ್ನು ಹಿಂದಕ್ಕೆ ಒತ್ತಿದ ಮೇಲೆ ಮೊದಲ ನಾಲ್ಕೈದು ಸಲ ಪೆಡಲ್ ತುಳಿದರೂ ಬ್ರೇಕು ಸಿಗುವುದಿಲ್ಲ. ಪಿಸ್ಟನ್ ಮುಂದೆ ಬಂದು ಪ್ಯಾಡಿಗೆ ತಾಗುವವರೆಗೆ ಗಾಡಿ ನಿಂತಲ್ಲೇ ಪಂಪು ಹೊಡೆಯಬೇಕು. ಒಂದು ಸಂಜೆ ಅದನ್ನು ಮರೆತು ಗಾಡಿ ಸ್ಟಾರ್ಟ್ ಮಾಡಿ ಇಳಿಜಾರಿಗೆ ಬಿಟ್ಟೆ. ಪೆಡಲ್ ನೆಲಕ್ಕೆ ಹೋಯಿತು, ಗಾಡಿ ಹಲಸಿನ ಮರಕ್ಕೆ ಹೋಯಿತು. ಮೇಸ್ತ್ರಿ ಬೈಯಲಿಲ್ಲ. ಬಂಪರ್ ತಾಗಿದ ಜಾಗದಲ್ಲಿ ಮರಕ್ಕೆ ಸುಣ್ಣದ ಒಂದು ಗೆರೆ ಎಳೆದರು. ಆಮೇಲೆ ಅಲ್ಲಿದ್ದಷ್ಟು ದಿನವೂ ಅದನ್ನು ನೋಡಿಕೊಂಡೇ ಕೆಲಸ ಮಾಡಿದೆ.

1992ರಲ್ಲಿ ಕೆಲಸ ಬಿಟ್ಟು ಮೈಸೂರಿಗೆ ಹೋದೆ, ಬೇರೆ ದಾರಿ ಹಿಡಿದೆ. ಆದರೂ ನನ್ನ 1998ರ ಝೆನ್ ಗಾಡಿಯ ಪಿನ್ನುಗಳನ್ನು ಮಳೆಗಾಲ ಮುಗಿದೊಡನೆ ನಾನೇ ಬಿಚ್ಚುತ್ತೇನೆ. ಕ್ಯಾಲಿಪರನ್ನು ಹೋಸ್ ಪೈಪಿನಲ್ಲಿ ನೇತುಬಿಡದೆ ತಂತಿಯಲ್ಲಿ ಕಟ್ಟಿ ತೂಗುಹಾಕುವಾಗ ಈಗಲೂ ಹಿಂದಿನಿಂದ ಯಾರೋ ನೋಡುತ್ತಿದ್ದಾರೆ ಎನಿಸುತ್ತದೆ. ಇಷ್ಟು ಕಾಳಜಿ ಅತಿಯೆಂದು ಮನೆಯವರು ನಗುತ್ತಾರೆ. ಅವರು ಘಾಟಿಯಲ್ಲಿ ಬ್ರೇಕ್ ಆಯಿಲ್ ಕುದಿದ ಗಾಡಿ ನೋಡಿದವರಲ್ಲ. ಹೊಸ ಡಾಟ್ 3 ಆಯಿಲ್ ಕುದಿಯಲು ಕನಿಷ್ಠ 205 ಡಿಗ್ರಿ ಬೇಕು. ಆದರೆ ಅದು ಗಾಳಿಯ ತೇವ ಹೀರುವ ಜಾತಿ. ತೇವ ಕುಡಿದ ಮೇಲೆ ಆ ಮಿತಿ 140ಕ್ಕೆ ಇಳಿಯಬಹುದು. ನಮ್ಮ ಮಳೆನಾಡಿನಲ್ಲಿ ತೇವಕ್ಕೇನು ಬರ? ಕಚ್ಚಿದ ಪಿನ್ನು ಪ್ಯಾಡನ್ನು ಉಜ್ಜಿ ಉಜ್ಜಿ ಕಾಯಿಸಿದರೆ ಆಯಿಲಿನೊಳಗೆ ಆವಿಯ ಗುಳ್ಳೆ ಏಳುತ್ತದೆ. ಆವಿಯನ್ನು ಎಷ್ಟು ತುಳಿದರೂ ಅದು ಕುಗ್ಗುತ್ತದೆಯೇ ಹೊರತು ಪಿಸ್ಟನ್ನನ್ನು ದೂಡುವುದಿಲ್ಲ.

ಕಳೆದ ಮಳೆಗಾಲದ ಕೊನೆಗೆ ಹೆಬ್ರಿಗೆ ಹೋಗಿದ್ದೆ. 1997ರಲ್ಲಿ ಉಡುಪಿ ಜಿಲ್ಲೆಯಾಗುವ ಮೊದಲು ದಕ್ಷಿಣ ಕನ್ನಡವೆಂದು ಬರೆದಿದ್ದ ಹಳೆಯ ಬೋರ್ಡು ಈಗ ಗ್ಯಾರೇಜಿನ ಒಳಗೋಡೆಗೆ ಒರಗಿ ನಿಂತಿದೆ. ತಗಡು ಹೋಗಿ ಸ್ಲ್ಯಾಬ್ ಬಂದಿದೆ, ಜಾಕಿಯ ಜಾಗದಲ್ಲಿ ಲಿಫ್ಟ್ ಇದೆ. ಮೇಸ್ತ್ರಿ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂರುತ್ತಾರೆ, ಕೆಲಸ ನೋಡಿಕೊಳ್ಳುವುದು ಅವರ ತಂಗಿಯ ಮಗ. ರಿವಿಟ್ ಹೊಡೆಯುವ ಅಡಿಗಲ್ಲು ಬಾಗಿಲಿಗೆ ಆನಿಸುವ ಕಲ್ಲಾಗಿದೆ. ಡ್ರಮ್ಮನ್ನು ಲೇತಿಗೆ ಒಯ್ಯುವವರಿಲ್ಲ, ಹೊಸದೇ ಬರುತ್ತದೆ. ಪಿನ್ನು ಕಚ್ಚಿದರೆ ಇಡೀ ಕ್ಯಾಲಿಪರನ್ನೇ ಬದಲಿಸಿ ಎನ್ನುವ ಗ್ಯಾರೇಜುಗಳಿವೆ. ಎರಡು ಪಿನ್ನು, ಎರಡು ಬೂಟು, ಚಿಟಿಕೆ ಗ್ರೀಸಿನ ಒಂದು ಕಿಟ್ಟಿನಲ್ಲಿ ಮುಗಿಯುವ ಕೆಲಸಕ್ಕೆ ಹತ್ತು ಪಟ್ಟು ಬಿಲ್ಲು ಮಾಡುವುದನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. ಹಾಗೆಂದು ಹಳೆಯದೇ ಚಂದ ಎನ್ನಲಾರೆ. ಕಲ್ನಾರಿನ ಧೂಳನ್ನು ಊದಿದವನು ನಾನು.

ಅಂದು ಲಿಫ್ಟಿನ ಮೇಲೆ ಇದ್ದದ್ದು ಒಂದು ಕರೆಂಟಿನ ಕಾರು. ಅದರ ಮಾಲೀಕರು ಖುಷಿಯಲ್ಲಿದ್ದರು. ಕಾಲು ತೆಗೆದರೆ ಮೋಟಾರೇ ಗಾಡಿಯನ್ನು ನಿಧಾನಿಸಿ ಬ್ಯಾಟರಿ ತುಂಬುತ್ತದೆ, ಪ್ಯಾಡ್ ಸವೆಯುವುದೇ ಇಲ್ಲ, ಬ್ರೇಕಿಗೆ ಖರ್ಚೇ ಇಲ್ಲ ಎನ್ನುತ್ತಿದ್ದರು. ಮತ್ತೆ ಬಂದದ್ದು ಯಾಕೆಂದರೆ ಹಿಂದಿನ ಎಡಚಕ್ರದಲ್ಲಿ ಏನೋ ಕಿರುಗುಟ್ಟುತ್ತದಂತೆ. ಅಳಿಯ ಚಕ್ರ ಬಿಚ್ಚಿದ. ಪ್ಯಾಡ್ ದಪ್ಪವಾಗಿಯೇ ಇತ್ತು, ಹೊಸದರ ಹಾಗೆ. ಡಿಸ್ಕಿನ ಮೇಲೆ ಮಾತ್ರ ತುಕ್ಕಿನ ಪಟ್ಟೆ. ಬಳಸದೆ ಇಟ್ಟ ಕತ್ತಿಗೆ ಬರುವ ಹಾಗೆ, ಬ್ರೇಕು ಕೆಲಸ ಮಾಡದ್ದರಿಂದಲೇ ಬಂದ ತುಕ್ಕು. ಅವನು ಕೆಳಗಿನ ಬೋಲ್ಟ್ ಬಿಚ್ಚಿ, ಕ್ಯಾಲಿಪರ್ ಎತ್ತಿ, ಕೆಳಗಿನ ಪಿನ್ನನ್ನು ಎಳೆದು ನೋಡಿದ. ಸಲೀಸಾಗಿ ಬಂತು. ಒರೆಸಿ, ಗ್ರೀಸು ಸವರಿ, ಮತ್ತೆ ಒಳಗೆ ದೂಡಿದ.

"ಮೇಲಿನದ್ದು?" ಕುರ್ಚಿಯಿಂದ ಧ್ವನಿ ಬಂತು.

"ಅದು ಸರಿ ಉಂಟು ಮಾವ, ನೋಡಿದ್ರೆ ಗೊತ್ತಾಗ್ತದೆ," ಎಂದ ಅಳಿಯ.

ಮೇಸ್ತ್ರಿ ಏನೂ ಹೇಳಲಿಲ್ಲ. ಕುರ್ಚಿಯ ಕೈ ಹಿಡಿದು ಏಳಲು ಹೊರಟರು. ಅದನ್ನು ಕಂಡದ್ದೇ ಹುಡುಗ ಸ್ಪ್ಯಾನರನ್ನು ಮೇಲಿನ ಬೋಲ್ಟಿಗೆ ಇಟ್ಟ. ಬೋಲ್ಟು ಬಂತು, ಪಿನ್ನು ಬರಲಿಲ್ಲ. ಎಣ್ಣೆ ಬಿಟ್ಟ, ಕಾದ, ಆಚೆ ಒಂದಿಷ್ಟು ಈಚೆ ಒಂದಿಷ್ಟು ತಿರುಗಿಸತೊಡಗಿದ. ಮೇಸ್ತ್ರಿ ಮತ್ತೆ ಕೂತರು. ನನ್ನ ಕಡೆ ತಿರುಗಿ ಕಣ್ಣಲ್ಲೇ ಗೋಡೆಯ ಗೂಡು ತೋರಿಸಿದರು. ನಾನು ಎದ್ದು ಹೋಗಿ ಬಿದಿರಿನ ಕಡ್ಡಿಗೆ ಬಟ್ಟೆ ಸುತ್ತಿದೆ.