ಮಗನ ಆಟ, ನನ್ನ ದೋಟಿ

ಇವತ್ತಿನ ಬರಹ ಸ್ವಲ್ಪ ಉದ್ದ ಉಂಟು. ಮದ್ದು ಬಿಡುವ ವಿಷಯವೇ, ಆದರೆ ಶುರುವಾಗುವುದು ಕಂಪ್ಯೂಟರ್ ಗೇಮಿನಿಂದ. ದೋಟಿ ತಗೊಂಡವರು, ತಗೊಳ್ಳುವ ಅಂದಾಜಿನಲ್ಲಿ ಇರುವವರು ಕೊನೆಯವರೆಗೆ ಓದಿ. ಮನೆಯಲ್ಲಿ ಪಿಯುಸಿ ಓದುವ ಮಕ್ಕಳು ಇರುವವರೂ ಓದಬಹುದು.

2025ರ ಏಪ್ರಿಲ್ ನಮ್ಮ ಮನೆಗೆ ಒಳ್ಳೆಯ ತಿಂಗಳಾಗಿರಲಿಲ್ಲ. ಮಗನಿಗೆ ಪ್ರಥಮ ಪಿಯುಸಿಯಲ್ಲಿ ಗಣಿತ, ಕೆಮಿಸ್ಟ್ರಿ ಎರಡೂ ಹೋಗಿತ್ತು. ಅದೇ ವಾರ ನಮ್ಮ ತೋಟಕ್ಕೆ ಹದಿನೆಂಟು ವರ್ಷದಿಂದ ಮದ್ದು ಬಿಡುತ್ತಿದ್ದವರು ಬಂದು ಅಂಗಳದಲ್ಲಿ ಕೂತು, "ಈ ಸಲ ಮೊಣಗಂಟು ಕೇಳುವುದಿಲ್ಲ ಅಣ್ಣ, ಬೇರೆ ಜನ ನೋಡಿ" ಅಂದರು. ಬೇರೆ ಜನ ಎಲ್ಲಿದ್ದಾರೆ? ಬೆಳ್ಳಾರೆಯಿಂದ ಕಡಬದವರೆಗೆ ಹುಡುಕಿದರೂ ಮರ ಹತ್ತುವವರು ಯಾರ ತೋಟಕ್ಕೆ ಯಾವಾಗ ಅಂತ ಮೊದಲೇ ಬುಕ್ ಆಗಿರ್ತಾರೆ. ಪುತ್ತೂರಿಗೆ ಹೋಗಿ 60 ಅಡಿಯ ಕಾರ್ಬನ್ ಫೈಬರ್ ದೋಟಿ ತಂದೆ. ತಂದದ್ದು ಸುಲಭ, ಬಳಸುವುದು ಗೊತ್ತಿಲ್ಲ.

ಮಗ ಊಟಕ್ಕೆ ಬಂದರೂ ಮಾತಿಲ್ಲ. ಕೋಣೆ, ಮೊಬೈಲು, ಬಿಜಿಎಂಐ. ನಮ್ಮಲ್ಲಿ ನೆಟ್ ಹೇಗೆ ಅಂತ ನಿಮಗೆ ಹೇಳಬೇಕಾಗಿಲ್ಲ. 2021ರ ಮಳೆಗಾಲದಲ್ಲಿ ಗುತ್ತಿಗಾರು ಕಡೆಯ ಒಂದು ಹುಡುಗಿ ರಸ್ತೆ ಬದಿ ಕೂತು ಆನ್‌ಲೈನ್ ಕ್ಲಾಸ್ ಕೇಳುವುದು, ಅಪ್ಪ ಕೊಡೆ ಹಿಡಿದು ನಿಂತದ್ದು, ಆ ಫೋಟೋ ದೇಶವೆಲ್ಲ ನೋಡಿತಲ್ಲ. ಅದಕ್ಕಿಂತ ಈಗ ಸ್ವಲ್ಪ ವಾಸಿ, ಅಷ್ಟೇ. ಇವನು ಗುಂಡು ಹೊಡೆದದ್ದು ಅಲ್ಲಿ ಮುಟ್ಟುವಷ್ಟರಲ್ಲಿ ಎದುರಿನವ ಇವನನ್ನು ಮುಗಿಸಿ ಆಗಿರ್ತದೆ. ಆದರೂ ಇವನ ಸ್ಕೋರು ಕಾಲೇಜಿನ ಗೆಳೆಯರಲ್ಲಿ ಮೇಲೆ ಇತ್ತಂತೆ.

ಒಂದು ರಾತ್ರಿ ನನಗೆ ತಡೆಯಲಿಲ್ಲ. "ಆಟದಲ್ಲಿ ಬರುವ ಅಂಕ ಪರೀಕ್ಷೆಯಲ್ಲಿ ಯಾಕೆ ಬರುವುದಿಲ್ಲ?" ಅಂತ ಕೇಳಿಬಿಟ್ಟೆ. ಕೇಳಿದ ಧ್ವನಿ ಸರಿ ಇರಲಿಲ್ಲ, ಅದು ನನಗೂ ಗೊತ್ತು. ಅವನು ತಲೆ ಎತ್ತದೆ ಹೇಳಿದ: "ಆಟದಲ್ಲಿ ಸತ್ತರೆ ಹೇಗೆ ಸತ್ತೆ ಅಂತ ತೋರಿಸ್ತದೆ ಅಪ್ಪ. ಪರೀಕ್ಷೆಯಲ್ಲಿ ಬರೀ ಅಂಕ ಬರ್ತದೆ."

ಆ ಮಾತು ತಲೆಯಲ್ಲಿ ಉಳಿಯಿತು. ಆ ರಾತ್ರಿ ತ್ರೀಫೇಸ್ ಕರೆಂಟಿಗೆ ಕಾಯುತ್ತಾ ಪಂಪಿನ ಶೆಡ್ಡಿನಲ್ಲಿ ಕೂತಾಗ ನನ್ನ ಹಳೆಯ ಕಥೆ ನೆನಪಾಯಿತು. 2001ರಲ್ಲಿ ಸುಳ್ಯದಲ್ಲಿ ಇಂಜಿನಿಯರಿಂಗ್ ಓದುವಾಗ ಪೇಟೆಯ ಒಂದು ಕಂಪ್ಯೂಟರ್ ಸೆಂಟರಿನಲ್ಲಿ ನಾವು ನಾಲ್ಕೈದು ಜನ ಕ್ವೇಕ್ 3 ಅರೀನಾ ಆಡುತ್ತಿದ್ದೆವು. 1999ರ ಕೊನೆಗೆ ಬಂದ ಗೇಮು ಅದು. ಬಿಜಿಎಂಐ ಹಾಗಲ್ಲ. ಅದರಲ್ಲಿ ದೊಡ್ಡ ಬಯಲು, ನೂರು ಜನ, ಸತ್ತರೆ ಆ ಆಟ ಮುಗಿಯಿತು. ಇದು ನಮ್ಮ ಕೋಳಿ ಅಂಕದ ಹಾಗೆ. ಸಣ್ಣ ಕಳ, ನಾಲ್ಕಾರು ಜನ, ಸತ್ತರೆ ಮರುಕ್ಷಣ ಪುನಃ ಹುಟ್ಟುವುದು, ಪುನಃ ಓಡುವುದು. ಯಾರು ಮೊದಲು 20 ಹೊಡೆಯುತ್ತಾರೋ ಅವರು ಗೆದ್ದರು. ಹತ್ತು ನಿಮಿಷದಲ್ಲಿ ಹದಿನೈದು ಸಲ ಸಾಯಬಹುದು. ಅಂದರೆ ಹದಿನೈದು ಸಲ ಕಲಿಯಬಹುದು.

ಆ ಗೇಮಿನ ಮೂಲ ಕೋಡನ್ನು ಕಂಪೆನಿಯವರು 2005ರಲ್ಲಿ ಸಾರ್ವಜನಿಕಕ್ಕೆ ಬಿಟ್ಟುಕೊಟ್ಟರು. ಅದರಿಂದ ಓಪನ್ ಅರೀನಾ ಅಂತ ಉಚಿತ ಗೇಮು ಬಂತು. ಹಳೆಯ ಕಂಪ್ಯೂಟರಿಗೂ ಸಾಕು. ಮುಖ್ಯ, ಇಂಟರ್ನೆಟ್ ಬೇಡ. ಮನೆಯ ವೈಫೈ ಡಬ್ಬಿ ಒಂದು ಇದ್ದರೆ ಎರಡು ಕಂಪ್ಯೂಟರ್ ಒಂದಕ್ಕೊಂದು ಮಾತಾಡ್ತವೆ. ಕೊರೋನಾ ಕಾಲದಲ್ಲಿ ಕ್ಲಾಸಿಗೆ ಅಂತ ತೆಗೆದ ಲ್ಯಾಪ್‌ಟಾಪು ಅವನಿಗೆ, ನನ್ನ ಮೂಲೆಗೆ ಬಿದ್ದ ಡೆಸ್ಕ್‌ಟಾಪು ನನಗೆ. "ಬಾ, ಅಪ್ಪನ ಕಾಲದ ಗೇಮು ತೋರಿಸ್ತೇನೆ" ಅಂದೆ. ಮನೆಯವಳು ನನ್ನನ್ನು ನೋಡಿದ ನೋಟವನ್ನು ಇಲ್ಲಿ ಬರೆಯುವುದಿಲ್ಲ.

ಮೊದಲ ಆಟ: ಮಗ 20, ನಾನು 2. ಎರಡನೆಯದು: ಮಗ 20, ನಾನು ಮೈನಸ್ 1. ಮೈನಸ್ ಹೇಗೆ ಅಂತ ಕೇಳಬೇಡಿ. ಕಳದ ಅಂಚಿನಿಂದ ಕೆಳಗೆ ಬಿದ್ದು ಸತ್ತರೆ ಒಂದು ಅಂಕ ಕಡಿತ. ನಾನು ಶತ್ರುವಿನಿಂದ ಸತ್ತದ್ದಕ್ಕಿಂತ ಸ್ವಂತ ಬಿದ್ದು ಸತ್ತದ್ದೇ ಜಾಸ್ತಿ.

ಮಗ ಬಹಳ ದಿನಗಳ ನಂತರ ನಗಾಡಿದ. ಅದಕ್ಕೇ ನಾನು ಹಟಕ್ಕೆ ಬಿದ್ದದ್ದು ಅಂತ ಈಗ ಅನಿಸ್ತದೆ.

ಮರುದಿನದಿಂದ ತೋಟದ ಡೈರಿಯ ಹಿಂದಿನ ಪುಟದಲ್ಲಿ ಲೆಕ್ಕ ಬರೆಯಲು ಶುರು ಮಾಡಿದೆ. ಮಗ ಗುರು. ಅವನು ಹೇಳಿಕೊಟ್ಟದ್ದನ್ನು ಬರೆದುಕೊಂಡ ಹಾಗೆಯೇ ಹಾಕ್ತೇನೆ.

ಒಂದು, ಮೊದಲು ಬೀಳುವುದನ್ನು ನಿಲ್ಲಿಸು. ಹೊಡೆಯುವುದು ಆಮೇಲೆ. ನಾಲ್ಕು ದಿನ ನಾನು ಬರೀ ಬೀಳದೆ ಓಡುವುದನ್ನು ಕಲಿತೆ. ಗುರಿ ಒಂದಿಷ್ಟೂ ಸುಧಾರಿಸದೆ ಸ್ಕೋರು ಮೈನಸ್ಸಿನಿಂದ 5ಕ್ಕೆ ಬಂತು.

ಎರಡು, ಮೌಸಿನ ವೇಗ ಕಮ್ಮಿ ಮಾಡು, ಆಮೇಲೆ ಅದನ್ನು ಮುಟ್ಟಬೇಡ. ದಿನಕ್ಕೊಂದು ಸೆಟ್ಟಿಂಗು ಬದಲಿಸಿದರೆ ಕೈ ಏನನ್ನೂ ಕಲಿಯುವುದಿಲ್ಲ.

ಮೂರು, ಕೈಯಿಂದ ಗುರಿ ಹಿಡಿಯಬೇಡ, ಕಾಲಿನಿಂದ ಹಿಡಿ. ಅಂದರೆ ಎದುರಿನವ ಎಲ್ಲಿಂದ ಬರಬಹುದೋ ಅಲ್ಲಿಗೆ ಮೊದಲೇ ಗುರಿ ಇಟ್ಟು ನಿಂತುಕೊಳ್ಳುವುದು, ಸಣ್ಣ ವ್ಯತ್ಯಾಸವನ್ನು ಆಚೆ ಈಚೆ ಹೆಜ್ಜೆ ಹಾಕಿ ಸರಿ ಮಾಡುವುದು. ಮೌಸನ್ನು ಎಳೆದಾಡಿದರೆ ಗುರಿ ದಾಟಿ ಹೋಗ್ತದೆ.

ನಾಲ್ಕು, ಒಂದೊಂದೇ ಆಯುಧ. ರಾಕೆಟ್ ನಿಧಾನ ಹೋಗುವಂಥದ್ದು, ಹಾಗಾಗಿ ಅವನು ಇರುವ ಜಾಗಕ್ಕಲ್ಲ, ಹೋಗುವ ಜಾಗಕ್ಕೆ ಬಿಡಬೇಕು. ರೈಲ್‌ಗನ್ ತಕ್ಷಣ ತಾಗ್ತದೆ, ಆದರೆ ತಪ್ಪಿದರೆ ಇನ್ನೊಂದಕ್ಕೆ ಒಂದೂವರೆ ಸೆಕೆಂಡು ಕಾಯಬೇಕು. ಆ ಒಂದೂವರೆ ಸೆಕೆಂಡಿನಲ್ಲಿ ಜೀವ ಹೋಗ್ತದೆ.

ಐದು, ಗಡಿಯಾರ ನೋಡು. ಕೆಂಪು ಕವಚ ಒಬ್ಬ ತೆಗೆದ ಮೇಲೆ 25 ಸೆಕೆಂಡಿಗೆ ಪುನಃ ಬರ್ತದೆ, ದೊಡ್ಡ ಆರೋಗ್ಯದ ಗುಂಡು 35 ಸೆಕೆಂಡಿಗೆ. ಆ ಹೊತ್ತಿಗೆ ಸರಿಯಾಗಿ ಅಲ್ಲಿ ಇದ್ದವನೇ ಗೆಲ್ಲುವುದು. ಗುರಿ ಒಳ್ಳೆಯದಿದ್ದವನೂ ಇವನೆದುರು ಸೋಲ್ತಾನೆ. ನಾವು 40–45 ದಿನಕ್ಕೆ ಎರಡನೇ ಮದ್ದು ಅಂತ ಕ್ಯಾಲೆಂಡರಿನಲ್ಲಿ ಗುರುತು ಹಾಕುವುದಿಲ್ವ, ಅದೇ ಲೆಕ್ಕ.

ಆರು, ಸೋತ ಆಟವನ್ನು ರೆಕಾರ್ಡ್ ಮಾಡಿ ಪುನಃ ನೋಡು. ಇದು ಕಷ್ಟದ ಕೆಲಸ. ನಾನು ಅಂದುಕೊಂಡಿದ್ದೆ, ನನ್ನ ಕೈ ನಿಧಾನ, ವಯಸ್ಸಾಯಿತು ಅಂತ. ನೋಡಿದರೆ ಹತ್ತರಲ್ಲಿ ಏಳು ಸಲ ನಾನು ಬಾಗಿಲಿನ ನಡುವೆ ಸುಮ್ಮನೆ ನಿಂತು ಸತ್ತಿದ್ದೆ. ವಯಸ್ಸಿಗೆ ಅದರಲ್ಲಿ ಪಾತ್ರವೇ ಇಲ್ಲ.

ದಿನಕ್ಕೆ 20 ನಿಮಿಷ. ಅದಕ್ಕಿಂತ ಜಾಸ್ತಿ ಅವನೂ ಬಿಡಲಿಲ್ಲ, ಅವನ ಅಮ್ಮನೂ ಬಿಡಲಿಲ್ಲ. ಅವನು ಇಲ್ಲದಾಗ ಕಂಪ್ಯೂಟರಿನ ಆಟಗಾರರ ಎದುರು ಆಡುತ್ತಿದ್ದೆ. ಅದರಲ್ಲಿ ಐದು ಹಂತ ಉಂಟು. ಎರಡನೆಯದರಿಂದ ಮೂರನೆಯದಕ್ಕೆ ಹೋಗಲು ನನಗೆ ಎರಡು ವಾರ ಬೇಕಾಯಿತು. ಮೇ ನಡುವಿಗೆ ಮಗ 20, ನಾನು 11.

ಈ ನಡುವೆ ಒಂದು ಸಂಜೆ ಅವನ ಹಳೆಯ ಗಣಿತ ಪರೀಕ್ಷೆಯ ಉತ್ತರ ಪತ್ರಿಕೆ ತೆಗೆದು, "ಇದನ್ನೂ ರೀಪ್ಲೇ ನೋಡುವನಾ?" ಅಂದೆ. ಸಿಟ್ಟು ಮಾಡ್ತಾನೆ ಅಂದುಕೊಂಡಿದ್ದೆ, ಮಾಡಲಿಲ್ಲ. ಇಬ್ಬರೂ ಕೂತು ಒಂದೊಂದು ಅಂಕ ಎಲ್ಲಿ ಹೋಯಿತು ಅಂತ ಬರೆದೆವು. ಗೊತ್ತಿಲ್ಲದೆ ಹೋದದ್ದು ಅರ್ಧಕ್ಕಿಂತ ಕಮ್ಮಿ. ಉಳಿದದ್ದು ಪ್ಲಸ್ ಮೈನಸ್ ತಪ್ಪಿದ್ದು, ಪ್ರಶ್ನೆ ಅರ್ಧ ಓದಿ ಬರೆದದ್ದು. "ಇದು ಬಿದ್ದು ಸತ್ತದ್ದು" ಅಂತ ಅವನೇ ಹೇಳಿದ. ಪೂರಕ ಪರೀಕ್ಷೆಯಲ್ಲಿ ಎರಡೂ ಪಾಸಾಯಿತು. ದೊಡ್ಡ ಅಂಕವೇನಲ್ಲ. ಪಾಸು.

ಈಗ ಮದ್ದಿನ ವಿಷಯ. ಆ ವರ್ಷದ ಮಳೆ ನಿಮಗೆಲ್ಲ ನೆನಪುಂಟು. ಮುಂಗಾರು ಕೇರಳಕ್ಕೆ ಮೇ 24ಕ್ಕೇ ಬಂತು. ಪತ್ತನಾಜೆಯ ಹೊತ್ತಿಗೇ ಇಲ್ಲಿ ಜಡಿಮಳೆ. ಮೊದಲ ಬೋರ್ಡೋ ಆಗದವರೇ ಜಾಸ್ತಿ. ನಾನು ಮೇಲಿನ ತೋಟಕ್ಕೆ ಮೂರು ದಿನ ಮೊದಲು ಶುರು ಮಾಡಿದ್ದೆ, ದೋಟಿಯಲ್ಲಿ.

ಮೊದಲ ದಿನ ನನ್ನ ಅವಸ್ಥೆ ಕೇಳಬೇಡಿ ಮಾರಾಯ್ರೆ. ಕೈ ಒಂದು ಗೇಣು ಅಲುಗಿದರೆ ಮೇಲೆ ತುದಿ ಒಂದು ಮಾರು ಅಲುಗ್ತದೆ, ಅದೂ ಸ್ವಲ್ಪ ತಡವಾಗಿ. ಗೊನೆಗೆ ಅಂತ ಬಿಟ್ಟ ಮದ್ದು ಸೋಗೆಗೆ, ಸೋಗೆಯಿಂದ ನನ್ನ ಮುಖಕ್ಕೆ. ಕುತ್ತಿಗೆ ನೋವು. 200 ಲೀಟರಿನ ಡ್ರಮ್ಮು 68 ಮರಕ್ಕೆ ಮುಗಿಯಿತು. ಮರ ಹತ್ತಿ ಬಿಡುವಾಗ ನಮ್ಮಲ್ಲಿ ಅದೇ ಡ್ರಮ್ಮು ನೂರರ ಮೇಲೆ ಮರಕ್ಕೆ ಬರುತ್ತಿತ್ತು.

ಸಂಜೆ ಮದ್ದು ಒಣಗಿದ ಮೇಲೆ ಮಗ ಮೊಬೈಲಿನ ಜೂಮ್ ಹಾಕಿ ಒಂದೊಂದೇ ಗೊನೆ ನೋಡುತ್ತಾ ಬಂದ. ನೀಲಿ ಕಲೆ ಎಲ್ಲಿ ಉಂಟು, ಎಲ್ಲಿ ಇಲ್ಲ ಅಂತ. 40 ಮರ ನೋಡಿದ್ದು, 103 ಗೊನೆ. ಪೂರ್ತಿ ತಾಗಿದ್ದು 58. "ನಿನ್ನ ಆಕ್ಯುರಸಿ 56 ಪರ್ಸೆಂಟ್ ಅಪ್ಪ" ಅಂದ. ಬೈದಿದ್ದರೂ ಅಷ್ಟು ಬೇಸರ ಆಗುತ್ತಿರಲಿಲ್ಲ. ಮರ ಹತ್ತುವವರು ಬಿಟ್ಟಾಗ ನಾವು ಎಂದಾದರೂ ಹೀಗೆ ಲೆಕ್ಕ ಹಾಕಿದ್ದೇವಾ? ಡ್ರಮ್ಮು ಎಷ್ಟು ಹೋಯಿತು ಅಂತ ಮಾತ್ರ ಲೆಕ್ಕ. ತಪ್ಪಿದ್ದು ಎಷ್ಟು ಅಂತ ಕೊಳೆ ಬಂದ ಮೇಲೆ ಗೊತ್ತಾಗುವುದು.

ತಪ್ಪಿದ ಗೊನೆಗಳ ಪಟ್ಟಿ ನೋಡಿದಾಗ ವಿಷಯ ತಿಳಿಯಿತು. ತಪ್ಪಿದ್ದರಲ್ಲಿ ಹೆಚ್ಚಿನದ್ದು ನಾನು ನಿಂತ ಬದಿಯ ಆಚೆಗಿನದ್ದು. ಅಂದರೆ ಗುರಿಯ ದೋಷ ಅಲ್ಲ, ನಿಂತ ಜಾಗದ ದೋಷ. ಬಾಗಿಲಲ್ಲಿ ನಿಂತು ಸತ್ತ ಹಾಗೆಯೇ. ಮರುದಿನದಿಂದ ಪ್ರತಿ ಮರಕ್ಕೆ ಎರಡು ಜಾಗ ಅಂತ ಮಾಡಿದೆ. ಮೊದಲು ಸೂರ್ಯ ಬೆನ್ನಿಗೆ ಬರುವ ಹಾಗೆ ನಿಲ್ಲುವುದು, ಗೇಟ್‌ವಾಲ್ವ್ ಮುಚ್ಚಿಯೇ ತುದಿಯನ್ನು ಗೊನೆಯ ಹತ್ತಿರ ತರುವುದು, ತುದಿ ಅಲುಗುವುದು ನಿಂತ ಮೇಲೆ ಬಿಡುವುದು. ಸಣ್ಣ ವ್ಯತ್ಯಾಸ ಇದ್ದರೆ ದೋಟಿಯನ್ನು ಎಳೆಯದೆ ನಾನೇ ಅರ್ಧ ಹೆಜ್ಜೆ ಸರಿಯುವುದು. ಆಮೇಲೆ ಮರದ ಆಚೆ ಬದಿಗೆ ಹೋಗಿ ಇನ್ನೊಮ್ಮೆ. ನಿಧಾನ ಆಗ್ತದೆ ಅಂತ ಕಂಡಿತು. ಆದರೆ ಮದ್ದು ಉಳಿಯಿತು.

ಮೂರನೇ ದಿನ 81 ಪರ್ಸೆಂಟ್, ಡ್ರಮ್ಮಿಗೆ 90 ಮರ. ಆಮೇಲೆ ಮಳೆ ಹಿಡಿಯಿತು.

ಕೆಳಗಿನ ತೋಟಕ್ಕೆ ಕೈ ಹಾಕಲು ಆಗಲಿಲ್ಲ. ಮಳೆ ಬಿಟ್ಟ ಎರಡು ದಿನ ನೋಡಿ ಜೂನ್ ಕೊನೆಗೆ ಬಿಟ್ಟೆ. ಆಗಲೇ ಬುಡದಲ್ಲಿ ಕೊಳೆ ಅಡಿಕೆ ಬಿದ್ದಿತ್ತು. ಇದನ್ನು ಮುಚ್ಚಿಡುವುದಿಲ್ಲ. ದೋಟಿಯೂ ಅಭ್ಯಾಸವೂ ಗಡಿಯಾರದ ಎದುರು ಏನೂ ಮಾಡುವುದಿಲ್ಲ. ಕೆಂಪು ಕವಚ ಎದುರಿನವನ ಪಾಲಾಗಿತ್ತು. ಕೆಳಗಿನ ತೋಟದಲ್ಲಿ ನನ್ನ ಅಂದಾಜಿಗೆ ಮೂರರಲ್ಲಿ ಒಂದು ಪಾಲು ಫಸಲು ಹೋಯಿತು. ಮೇಲಿನ ತೋಟದಲ್ಲಿ ಅಲ್ಲೊಂದು ಇಲ್ಲೊಂದು ಗೊನೆ, ಅಷ್ಟೇ. ಅದರಲ್ಲೂ ಮೊದಲ ದಿನ ಬಿಟ್ಟ 68 ಮರಗಳಲ್ಲೇ ಹೆಚ್ಚು. ಪಟ್ಟಿಯಲ್ಲಿ ಬರೆದಿಟ್ಟದ್ದರಿಂದ ಇಷ್ಟು ಖಚಿತವಾಗಿ ಹೇಳಲು ಆಗುವುದು.

ಇದನ್ನು ಓದಿ ಕೆಲವರು "ಮಕ್ಕಳಿಗೆ ಗೇಮು ಆಡಿಸಲು ಹೇಳ್ತಿದ್ದೀರಾ?" ಅಂತ ಕೇಳಬಹುದು. ಇಲ್ಲ. ದುಡ್ಡು ಕಟ್ಟಿ ಆಡುವ ರಮ್ಮಿ, ಬೆಟ್ಟಿಂಗು ಬೇರೆಯೇ. 2025ರ ಆಗಸ್ಟಿನಲ್ಲಿ ಸಂಸತ್ತು ಮಾಡಿದ ಕಾನೂನು ಅದನ್ನು ನಿಷೇಧಿಸಿತು, ಸ್ಪರ್ಧೆಯ ಇ-ಸ್ಪೋರ್ಟ್ಸನ್ನು ಬೇರೆ ಮಾಡಿ ಇಟ್ಟಿತು. ನಮ್ಮ ಮನೆಯ ಆಟದಲ್ಲಿ ಒಂದು ರೂಪಾಯಿ ಇಲ್ಲ, 20 ನಿಮಿಷದ ಮೇಲೆ ಒಂದು ನಿಮಿಷ ಇಲ್ಲ. ಗೇಮಿನಿಂದ ಮಗ ಪಾಸಾದ ಅಂತಲೂ ನಾನು ಹೇಳುವುದಿಲ್ಲ, ಓದಿದ್ದಕ್ಕೆ ಪಾಸಾದ. ಆದರೆ ನಾನು ಅವನ ಹತ್ತಿರ ಕೂತದ್ದು ಗೇಮಿನಿಂದ. ನಾನು ಸೋಲುವುದನ್ನು ಅವನು ದಿನಾ ನೋಡಿದ. ಸೋತದ್ದನ್ನು ಬರೆದಿಡುವುದನ್ನೂ ನೋಡಿದ. ಆಮೇಲೆ ಅವನ ಸೋಲಿನ ಬಗ್ಗೆ ಮಾತಾಡುವುದು ಇಬ್ಬರಿಗೂ ಅಷ್ಟು ಕಷ್ಟ ಆಗಲಿಲ್ಲ.

ಹದಿನೆಂಟು ವರ್ಷ ಮದ್ದು ಬಿಟ್ಟವರು ಆಟಿಯಲ್ಲಿ ಒಮ್ಮೆ ಬಂದಿದ್ದರು. ಮಗನ ಪಟ್ಟಿ ನೋಡಿ, "ಆಚೆ ಬದಿಯ ಗೊನೆಗೆ ನಾನು ಮರದಲ್ಲೇ ಸುತ್ತು ಬರುತ್ತಿದ್ದೆ, ನಿಮಗೆ ಕೆಳಗಿನಿಂದ ಕಾಣುತ್ತಿರಲಿಲ್ಲ" ಅಂದರು. ನಾವು ಕೂಲಿ ಕೊಟ್ಟದ್ದು ಮರದ ಲೆಕ್ಕಕ್ಕೆ. ಅವರು ಮಾಡಿದ್ದು ಗೊನೆಯ ಲೆಕ್ಕದ ಕೆಲಸ. ಅದು ನನಗೆ ಈಗ ಗೊತ್ತಾಯಿತು. ಈ ಸಲ ದೋಟಿ ಹಿಡಿಯುವಾಗ ಕೆಳಗೆ ನಿಂತು ಹೇಳಿಕೊಡಲು ಬರ್ತೀರಾ ಅಂತ ಕೇಳಿದ್ದೇನೆ, ದಿನದ ಸಂಬಳಕ್ಕೆ. ಒಪ್ಪಿದ್ದಾರೆ.

ನಿನ್ನೆ ರಾತ್ರಿಯ ಸ್ಕೋರು: ಮಗ 20, ನಾನು 17. ಬಿದ್ದು ಸತ್ತದ್ದು ಸೊನ್ನೆ.

ದೋಟಿಯಲ್ಲಿ ಮದ್ದು ಬಿಟ್ಟವರು ಒಂದು ಕೆಲಸ ಮಾಡಿ. ಮುಂದಿನ ಸಲ ಬರೀ 20 ಮರ ಆರಿಸಿ, ಒಣಗಿದ ಮೇಲೆ ತಪ್ಪಿದ ಗೊನೆ ಎಣಿಸಿ. ಎಷ್ಟು ತಪ್ಪಿತು, ಎಲ್ಲಿ ನಿಂತಿದ್ದಿರಿ ಅಂತ ಇಲ್ಲಿ ಬರೆಯಿರಿ. ಕಮ್ಮಿ ಬಂದರೆ ನಾಚಿಕೆ ಬೇಡ, ನನ್ನದು ಶುರುವಾದದ್ದು 56ರಿಂದ.